ರಿಲೇ ‘ಟಿಕ್’ ಅಂದರೆ ಸಾಲದು: ಹಳೆ ವ್ಯಾನಿನ ಫ್ಯೂಸ್, ರಿಲೇ ಜೊತೆ ನನ್ನ ಅನುಭವ

ನಮ್ಮದು ಜೋಳದ ಖಡಕ್ ರೊಟ್ಟಿ ವ್ಯವಹಾರ. ಮನೆಯವರು ಮತ್ತು ಓಣಿಯ ಹೆಣ್ಣುಮಕ್ಕಳು ಸೇರಿ ರೊಟ್ಟಿ ಬಡಿಯುತ್ತಾರೆ. ಅದನ್ನು ಕಲಬುರಗಿಯ ಖಾನಾವಳಿ, ಹಾಸ್ಟೆಲ್‌ಗಳಿಗೆ ಮುಟ್ಟಿಸುವುದು ನನ್ನ ಪಾಲು. ಅದಕ್ಕೆ ಅಂತ ಸೆಕೆಂಡ್ ಹ್ಯಾಂಡ್‌ನಲ್ಲಿ ತಗೊಂಡ ಹಳೆ ಪೆಟ್ರೋಲ್ ವ್ಯಾನ್ ಒಂದಿದೆ. ಎಂಜಿನ್ ಇನ್ನೂ ಗಟ್ಟಿ. ಕಾಟ ಕೊಡುವುದು ವೈರಿಂಗ್.

ಹಳೆ ಗಾಡಿಯ ವೈರಿಂಗ್ ಕಂಪನಿಯಿಂದ ಬಂದ ಹಾಗೆ ಉಳಿದಿರುವುದಿಲ್ಲ. ಒಬ್ಬ ಮಾಲೀಕ ಹಾಡಿನ ಟೇಪ್ ಹಾಕಿಸಿರುತ್ತಾನೆ, ಇನ್ನೊಬ್ಬ ರಿವರ್ಸ್ ಹಾರ್ನ್, ಮತ್ತೊಬ್ಬ ಮುಂದೆ ಜಾಸ್ತಿ ಬೆಳಕಿನ ಲೈಟು. ಎಲ್ಲರೂ ಸಿಕ್ಕ ವೈರಿಗೆ ಜೋಡಿಸಿ ಟೇಪ್ ಸುತ್ತಿ ಹೋಗಿರುತ್ತಾರೆ. ಹಾಗಾಗಿ ಫ್ಯೂಸ್ ಬಾಕ್ಸ್ ಮುಚ್ಚಳದ ಮೇಲೆ ಬರೆದದ್ದನ್ನು ನಾನು ಪೂರ್ತಿ ನಂಬುವುದಿಲ್ಲ. ನನ್ನ ಗಾಡಿಯ ಮುಚ್ಚಳದಲ್ಲಿ ಅರ್ಧ ಅಕ್ಷರ ಅಳಿಸಿಯೇ ಹೋಗಿತ್ತು.

ನಾನು ಮೊದಲು ಮಾಡಿದ್ದು ನನ್ನ ಗಾಡಿಗೆ ನನ್ನದೇ ನಕ್ಷೆ. ರೊಟ್ಟಿ ಕೆಲಸಕ್ಕೆ ರಜೆ ಇದ್ದ ದಿನ ವ್ಯಾನನ್ನು ಬೇವಿನ ಮರದ ನೆರಳಿಗೆ ನಿಲ್ಲಿಸಿದೆ. ಬಾಕ್ಸ್ ಇದ್ದದ್ದು ಡ್ರೈವರ್ ಕಡೆ, ಡ್ಯಾಶ್‌ಬೋರ್ಡ್ ಕೆಳಗೆ. ಮುಚ್ಚಳ ತೆಗೆದು ಮೊದಲು ಮೊಬೈಲ್‌ನಲ್ಲಿ ಫೋಟೋ ತೆಗೆದೆ. ಮಗನನ್ನು ಸೀಟಿನ ಮೇಲೆ ಕೂರಿಸಿ ಎಲ್ಲಾ ಸ್ವಿಚ್ ಹಾಕಿಸಿದೆ. ಆಮೇಲೆ ಒಂದೊಂದೇ ಫ್ಯೂಸ್ ಕಿತ್ತು, ಏನು ಆರಿತು ಅಂತ ನೋಡಿ, ಹಾಳೆಯ ಮೇಲೆ ಬರೆದು, ಅದನ್ನು ಅದರ ಜಾಗಕ್ಕೇ ಹಾಕುತ್ತಾ ಹೋದೆ. ಕೀಳುವಾಗ, ಹಾಕುವಾಗ ಸ್ವಿಚ್ ಆಫ್; ಏನು ಆರಿತು ಅಂತ ನೋಡುವಾಗ ಮಾತ್ರ ಆನ್. ಇಕ್ಕಳ ಬಳಸಬೇಡಿ, ಪ್ಲಾಸ್ಟಿಕ್ ಒಡೆದು ಬ್ಲೇಡ್, ಅಂದರೆ ಫ್ಯೂಸ್‌ನ ಚಪ್ಪಟೆ ಲೋಹದ ಕಾಲು, ಒಳಗೇ ಉಳಿಯುತ್ತದೆ. ಚಿಮಟಿಗೆಯಂಥ ಪ್ಲಾಸ್ಟಿಕ್ ಫ್ಯೂಸ್ ಪುಲ್ಲರ್ ಸಿಗುತ್ತದೆ, ಅದು ಒಂದಿರಲಿ.

ಈ ಹಾಳೆಯಿಂದ ಆದ ದೊಡ್ಡ ಲಾಭ ಏನೆಂದರೆ, ಯಾವುದು ಯಾವುದರ ಜೊತೆಗಿದೆ ಅನ್ನುವುದು ತಿಳಿಯಿತು. ನನ್ನ ವ್ಯಾನ್‌ನಲ್ಲಿ ಹಿಂದಿನ ಕೆಂಪು ಲೈಟ್, ನಂಬರ್ ಪ್ಲೇಟ್ ಲೈಟ್, ಮೀಟರ್ ಒಳಗಿನ ಬೆಳಕು ಮೂರೂ ಒಂದೇ ಫ್ಯೂಸ್‌ನಲ್ಲಿವೆ. ಅಂದರೆ ರಾತ್ರಿ ಮೀಟರ್ ಕತ್ತಲಾದರೆ ಹಿಂದೆಯೂ ಕತ್ತಲು! ಹುಮನಾಬಾದ್ ರಸ್ತೆಯಲ್ಲಿ ರಾತ್ರಿ ಲಾರಿಗಳು ಹಿಂದೆ ಬರುವಾಗ ಇದು ಸಣ್ಣ ವಿಷಯ ಅಲ್ಲ. ಇಂಥ ಕಡೆ ಒಟ್ಟಿಗೆ ಆರಿದವುಗಳಿಗೆ ಫ್ಯೂಸ್ ಕಾರಣ, ಒಂದೇ ಆರಿದರೆ ಬಲ್ಬ್ ಅಥವಾ ಅದರ ವೈರು. ನಾನು ಹುಡುಕಾಟ ಶುರು ಮಾಡುವುದೇ ಇಲ್ಲಿಂದ.

ಬ್ಲೇಡ್ ಫ್ಯೂಸ್‌ಗಳ ಬಣ್ಣಕ್ಕೂ ಅರ್ಥವಿದೆ. ಕಂದು 7.5 ಆಂಪಿಯರ್, ಕೆಂಪು 10, ನೀಲಿ 15, ಹಳದಿ 20, ಬಣ್ಣವಿಲ್ಲದ್ದು 25, ಹಸಿರು 30. ಕಣ್ಣಿಗೆ ಬೀಳುವ ಹಾಗೆ ನಂಬರ್ ಕೂಡ ತಲೆಯ ಮೇಲೆ ಇರುತ್ತದೆ. ಬಾಕ್ಸ್‌ನಲ್ಲಿ 10 ಇರಬೇಕಾದ ಜಾಗದಲ್ಲಿ ಹಸಿರು ಕಂಡರೆ, ಹಿಂದೆ ಯಾರೋ ತೊಂದರೆ ಹುಡುಕದೆ ಮುಚ್ಚಿಟ್ಟಿದ್ದಾರೆ ಅಂತಲೇ ಲೆಕ್ಕ.

ಇಲ್ಲಿ ನಾನು ಗಟ್ಟಿಯಾಗಿ ಹೇಳುವ ಮಾತು ಒಂದಿದೆ. ಫ್ಯೂಸ್ ಇರುವುದು ಬಲ್ಬ್ ಕಾಯಲು ಅಲ್ಲ, ವೈರ್ ಕಾಯಲು. ವೈರ್ ಎಷ್ಟು ತಡೆದುಕೊಳ್ಳುತ್ತದೋ ಅದಕ್ಕಿಂತ ಮೊದಲೇ ಫ್ಯೂಸ್ ಹೋಗಬೇಕು. ಹೆಚ್ಚಿನ ಆಂಪಿಯರ್ ಹಾಕಿದರೆ, ಅಥವಾ ಸಿಗರೇಟ್ ಪ್ಯಾಕಿನ ಬೇಗಡೆ, ತಾಮ್ರದ ಎಳೆ ಸುತ್ತಿದರೆ, ಫ್ಯೂಸ್ ಆಗುವುದು ವೈರೇ. ಅದು ಡ್ಯಾಶ್‌ಬೋರ್ಡ್ ಹಿಂದೆ, ಕಾಣದ ಕಡೆ ಸುಡುತ್ತದೆ. ಪೆಟ್ರೋಲ್ ಗಾಡಿ, ಒಳಗೆ ಜನ. ‘ಮನೆ ತಂಕ ಹೋಗೋಣ’ ಅಂತ ಕೂಡ ಇದನ್ನು ಮಾಡಬಾರದು.

ಲೆಕ್ಕ ಬಹಳ ಸರಳ. ವ್ಯಾಟ್ ಅನ್ನು 12ರಿಂದ ಭಾಗಿಸಿದರೆ ಆಂಪಿಯರ್. ಮಾಮೂಲಿ ಹೆಡ್‌ಲೈಟ್ ಬಲ್ಬ್ 60/55 ವ್ಯಾಟ್‌ದು, ಅಂದರೆ ಹೈ ಬೀಮ್‌ಗೆ 60, ಲೋ ಬೀಮ್‌ಗೆ 55. ಎರಡೂ ಹೈ ಬೀಮ್ ಉರಿದರೆ 120 ವ್ಯಾಟ್, ಅಂದರೆ 10 ಆಂಪಿಯರ್. ಅದೇ ಜಾಗಕ್ಕೆ 100/90 ಬಲ್ಬ್ ಹಾಕಿದರೆ ಹೈ ಬೀಮ್‌ಗೆ 200 ವ್ಯಾಟ್, ಹತ್ತಿರ ಹತ್ತಿರ 17 ಆಂಪಿಯರ್. ಎರಡಕ್ಕೂ ಒಂದೇ 15ರ ಫ್ಯೂಸ್ ಇದ್ದರೆ ಅದು ಹಾರದೆ ಇನ್ನೇನು? ಆಗ ತಪ್ಪು ಫ್ಯೂಸ್‌ದಲ್ಲ, ಬಲ್ಬ್‌ದು. ಅಷ್ಟು ಬೆಳಕು ಬೇಕೇ ಬೇಕು ಅಂದರೆ ದಪ್ಪ ವೈರ್, ಬೇರೆ ರಿಲೇ (ಅದೇನು ಅಂತ ಮುಂದೆ ಹೇಳುತ್ತೇನೆ), ಬೇರೆ ಫ್ಯೂಸ್ ಇರುವ ವೈರಿಂಗ್ ಹಾಕಿಸಬೇಕು. ನಾನು ಮಾಮೂಲಿ ಬಲ್ಬ್‌ಗೇ ಬಂದೆ.

ಫ್ಯೂಸ್ ನೋಡಲು ಕಣ್ಣು ಸಾಲದು. ಒಳಗಿನ ಪಟ್ಟಿ ಕೂದಲೆಳೆಯಷ್ಟು ಬಿರುಕು ಬಿಟ್ಟಿದ್ದರೆ ಕಾಣುವುದಿಲ್ಲ. ನಾನು ಟೆಸ್ಟ್ ಲ್ಯಾಂಪ್ ಬಳಸುತ್ತೇನೆ. ಅದರ ಕ್ಲಿಪ್ ಬಾಡಿಯ ಬರಿ ಕಬ್ಬಿಣಕ್ಕೆ, ಮೊನೆ ಫ್ಯೂಸ್ ತಲೆಯ ಮೇಲಿನ ಎರಡು ಸಣ್ಣ ಲೋಹದ ಚುಕ್ಕಿಗಳಿಗೆ. ಎರಡರಲ್ಲೂ ಲ್ಯಾಂಪ್ ಹತ್ತಿದರೆ ಫ್ಯೂಸ್ ಸರಿ. ಒಂದರಲ್ಲಿ ಮಾತ್ರ ಹತ್ತಿದರೆ ಹೋಗಿದೆ. ಎರಡರಲ್ಲೂ ಹತ್ತಲಿಲ್ಲ ಅಂದರೆ ಕೀ ಆನ್ ಮಾಡಿ ನೋಡಿ, ಕೆಲವಕ್ಕೆ ಕರೆಂಟ್ ಬರುವುದೇ ಕೀ ತಿರುಗಿಸಿದ ಮೇಲೆ. ಆಗಲೂ ಇಲ್ಲದಿದ್ದರೆ ತೊಂದರೆ ಬಾಕ್ಸ್‌ಗಿಂತ ಹಿಂದೆ ಇದೆ.

ಈಗ ಹಿಂದಿನ ಲೈಟಿನ ಕಥೆ. ಆ ಮೂರು ಲೈಟುಗಳ ಫ್ಯೂಸ್ ಆಗಾಗ ಹಾರುತ್ತಿತ್ತು. ಹೊಸದು ಹಾಕಿದರೆ ಕೆಲವೊಮ್ಮೆ ವಾರ ಇರುತ್ತಿತ್ತು, ಕೆಲವೊಮ್ಮೆ ಮೊದಲ ಖಾನಾವಳಿ ಮುಟ್ಟುವುದರೊಳಗೆ ಹೋಗುತ್ತಿತ್ತು. ಹಾಕಿದ ತಕ್ಷಣ ಹಾರುವ ಫ್ಯೂಸ್ ಹುಡುಕುವುದು ಸುಲಭ, ಶಾರ್ಟ್ ಅಲ್ಲೇ ನಿಂತಿರುತ್ತದೆ. ಆಗೊಮ್ಮೆ ಈಗೊಮ್ಮೆ ಹಾರುವುದು ಕಷ್ಟ. ಹಾಗೆ ಹಾರಿದರೆ ಸಾಮಾನ್ಯವಾಗಿ ಎಲ್ಲೋ ವೈರ್ ಅಲುಗಾಡಿ ಬಾಡಿಗೆ ತಾಗುತ್ತಿದೆ ಅಂತ ಅರ್ಥ.

ಒಂದಾದ ಮೇಲೆ ಒಂದು ಫ್ಯೂಸ್ ಸುಡುವುದು ದಂಡ. ಅದಕ್ಕೆ ನಾನು ಫ್ಯೂಸ್ ಜಾಗಕ್ಕೆ ಬಲ್ಬ್ ಜೋಡಿಸಿದೆ. ಇಂಡಿಕೇಟರ್‌ಗೆ ಹಾಕುವ 21 ವ್ಯಾಟ್ ಬಲ್ಬ್, ಹೋಲ್ಡರ್, ಎರಡು ವೈರ್, ತುದಿಗೆ ಫ್ಯೂಸ್ ಜಾಗದಲ್ಲಿ ಕೂರುವ ಚಪ್ಪಟೆ ಲಗ್. ಇದು ಎರಡು ಆಂಪಿಯರ್‌ಗಿಂತ ಜಾಸ್ತಿ ಹರಿಯಲು ಬಿಡುವುದಿಲ್ಲ, ಹಾಗಾಗಿ ಶಾರ್ಟ್ ಇದ್ದರೂ ವೈರ್ ಸುಡುವುದಿಲ್ಲ. ಎಲ್ಲಾ ಸರಿ ಇದ್ದರೆ ಈ ಬಲ್ಬ್ ಮಂಕಾಗಿ ಉರಿಯುತ್ತದೆ, ಬ್ಯಾಟರಿಯ ವೋಲ್ಟನ್ನು ಹಿಂದಿನ ಲೈಟುಗಳ ಜೊತೆ ಹಂಚಿಕೊಳ್ಳುತ್ತದೆ. ಶಾರ್ಟ್ ಆದ ಕ್ಷಣ ಝಗ್ ಅಂತ ಪೂರ್ತಿ ಉರಿಯುತ್ತದೆ.

ಬಲ್ಬನ್ನು ಸೀಟಿನ ಮೇಲೆ ಕಾಣುವ ಹಾಗೆ ಇಟ್ಟು, ಉರಿಯುವಾಗ ಬಿಸಿಯಾಗುತ್ತದೆ ಅಂತ ಕೆಳಗೆ ಶಹಾಬಾದ್ ಕಲ್ಲಿನ ಚೂರು ಇಟ್ಟಿದ್ದೆ. ಮಗ ಬಲ್ಬ್ ನೋಡುತ್ತಾ ಕೂತ. ನಾನು ವೈರಿಂಗ್ ಉದ್ದಕ್ಕೂ ಒಂದೊಂದೇ ಕಡೆ ಹಿಡಿದು ಅಲುಗಾಡಿಸುತ್ತಾ ಹೋದೆ. ಡ್ಯಾಶ್‌ಬೋರ್ಡ್ ಕೆಳಗೆ ಏನೂ ಇಲ್ಲ. ಬಾಗಿಲ ಪಟ್ಟಿ ಕೆಳಗೂ ಇಲ್ಲ. ಹಿಂದಿನ ದೊಡ್ಡ ಬಾಗಿಲನ್ನು ಮೇಲಕ್ಕೆ ಎತ್ತಿದೆ. ‘ಅಪ್ಪಾ, ಉರೀತು!’ ಅಂದ. ಇಳಿಸಿದೆ. ‘ಹೋತು.’

ಆ ಬಾಗಿಲಿನ ಕೀಲಿನ ಪಕ್ಕ, ಬಾಡಿಯಿಂದ ಬಾಗಿಲಿಗೆ ವೈರ್ ಹಾಯುವ ಕಡೆ, ರಬ್ಬರ್ ಕೊಳವೆ ಇರುತ್ತದೆ. ಅದನ್ನು ಸರಿಸಿ ನೋಡಿದರೆ ನಂಬರ್ ಪ್ಲೇಟ್ ಲೈಟಿನ ವೈರಿನ ಮೇಲ್ಪದರ ಬಿರಿದು ತಾಮ್ರ ಹೊರಗೆ ಬಂದಿತ್ತು. ರೊಟ್ಟಿ ಡಬ್ಬಿ ಇಳಿಸಲು ದಿನಕ್ಕೆ ಎಷ್ಟೋ ಸಲ ಎತ್ತಿ ಇಳಿಸುವ ಬಾಗಿಲು. ಬೇಸಿಗೆಯ ಬಿಸಿಲಿಗೆ ಪ್ಲಾಸ್ಟಿಕ್ ಪದರ ಬೇರೆ ಗಡುಸಾಗಿರುತ್ತದೆ. ಮಡಚಿ ಮಡಚಿ ಅಲ್ಲೇ ಸೀಳಿದೆ. ಪಕ್ಕದ ವೈರುಗಳೂ ಸೀಳುವ ಹಂತಕ್ಕೆ ಬಂದಿದ್ದವು. ಬರೀ ಟೇಪ್ ಸುತ್ತಿದರೆ ಬಿಸಿಲಿಗೆ ಅಂಟು ಕರಗಿ ಬಿಚ್ಚಿಕೊಳ್ಳುತ್ತದೆ. ಅದಕ್ಕೆ ಬ್ಯಾಟರಿಯ ಮೈನಸ್ ಬಿಚ್ಚಿ, ಸೀಳಿದ ಭಾಗವನ್ನೇ ಕತ್ತರಿಸಿ, ಅಷ್ಟೇ ದಪ್ಪದ ಮೆತ್ತನೆಯ ವೈರ್ ಸೇರಿಸಿ, ಜೋಡಣೆಗಳು ಮಡಚುವ ಜಾಗದಲ್ಲಿ ಬರದ ಹಾಗೆ ಬಾಡಿಯೊಳಗೆ ಒಂದು, ಬಾಗಿಲೊಳಗೆ ಒಂದು ಇಟ್ಟೆ. ಸೋಲ್ಡರ್ ಮಾಡಿ ಮೇಲೆ, ಬಿಸಿ ಮಾಡಿದರೆ ಕುಗ್ಗಿ ಬಿಗಿಯುವ ಹೀಟ್ ಶ್ರಿಂಕ್ ಟ್ಯೂಬ್ ಏರಿಸಿದೆ. ಆ ಫ್ಯೂಸ್ ಆಮೇಲೆ ಹಾರಿಲ್ಲ.

ರಿಲೇ ಇದಕ್ಕಿಂತ ಸ್ವಲ್ಪ ಬೇರೆ. ರಿಲೇ ಅಂದರೆ ಸಣ್ಣ ಕರೆಂಟಿನಿಂದ ದೊಡ್ಡ ಕರೆಂಟನ್ನು ಬಿಡುವ ಸ್ವಿಚ್. ಒಳಗೆ ಒಂದು ಕಾಯಿಲ್, ಮೇಲೆ ಒಂದು ಜೋಡಿ ಪಾಯಿಂಟ್, ಅಂದರೆ ಕೂಡುವ, ಬಿಡುವ ಲೋಹದ ತುದಿಗಳು. ಕಾಯಿಲ್‌ಗೆ ಕರೆಂಟ್ ಬಂದರೆ ಅದು ಅಯಸ್ಕಾಂತವಾಗಿ ಪಾಯಿಂಟನ್ನು ಎಳೆದು ಕೂಡಿಸುತ್ತದೆ. ‘ಟಿಕ್’ ಸದ್ದು ಅದರದ್ದೇ. ನಾಲ್ಕು ಕಾಲಿನ ಮಾಮೂಲಿ ರಿಲೇ ಕೆಳಗೆ 30, 85, 86, 87 ಅಂತ ನಂಬರ್ ಇರುತ್ತವೆ. 85, 86 ಕಾಯಿಲ್‌ನವು. 30ಕ್ಕೆ ಬ್ಯಾಟರಿಯಿಂದ ಕರೆಂಟ್ ಬರುತ್ತದೆ, 87ರಿಂದ ಫ್ಯಾನ್‌ಗೋ ಹಾರ್ನ್‌ಗೋ ಹೋಗುತ್ತದೆ. ಐದನೆಯ ಕಾಲು 87ಎ ಇದ್ದರೆ, ಅದು ರಿಲೇ ಸುಮ್ನೆ ಇರುವಾಗ 30ರ ಜೊತೆ ಕೂಡಿರುತ್ತದೆ.

ಹಳೆ ವ್ಯಾನ್‌ಗಳಲ್ಲಿ ರಿಲೇ ಎಲ್ಲಾ ಒಂದೇ ಕಡೆ ಇರುವುದಿಲ್ಲ. ಕೆಲವು ಫ್ಯೂಸ್ ಬಾಕ್ಸ್ ಪಕ್ಕ, ಕೆಲವು ಡ್ಯಾಶ್‌ಬೋರ್ಡ್ ಹಿಂದೆ, ಕೆಲವು ಮುಂದೆ ರೇಡಿಯೇಟರ್ ಹತ್ತಿರ. ಹುಡುಕಲು ನಾನು ಮಾಡುವುದು ಇಷ್ಟೇ. ಒಬ್ಬರು ಸ್ವಿಚ್ ಒತ್ತುತ್ತಿರಬೇಕು, ನಾನು ಒಂದೊಂದರ ಮೇಲೂ ಬೆರಳಿಡುತ್ತೇನೆ. ಕೆಲಸ ಮಾಡುವ ರಿಲೇ ಬೆರಳಿಗೆ ತಟ್ಟುತ್ತದೆ.

ಬೇಸಿಗೆಯಲ್ಲಿ ಒಂದು ಸಮಸ್ಯೆ ಬಂತು. ನಮ್ಮೂರಿನ ಮೇ ತಿಂಗಳು ಗೊತ್ತಲ್ವಾ, 40 ಡಿಗ್ರಿ ದಾಟಿದ ಬಿಸಿಲು. ಸೂಪರ್ ಮಾರ್ಕೆಟ್ ಪೇಟೆಯ ಗದ್ದಲದಲ್ಲಿ ನಿಂತರೆ ಟೆಂಪರೇಚರ್ ಮುಳ್ಳು ಮೇಲೇರುತ್ತಿತ್ತು. ರಿಂಗ್ ರೋಡಿಗೆ ಬಂದು ಓಡತೊಡಗಿದರೆ ಇಳಿಯುತ್ತಿತ್ತು. ಓಡುವಾಗ ಗಾಳಿ ಹೊಡೆದು ತಣ್ಣಗಾಗುತ್ತದೆ, ನಿಂತಾಗ ಇಲ್ಲ ಅಂದರೆ ಮೊದಲು ರೇಡಿಯೇಟರ್ ಫ್ಯಾನ್ ನೋಡಬೇಕು. ಮುಳ್ಳು ಕೆಂಪಿಗೆ ಹೋದರೆ ಪಕ್ಕಕ್ಕೆ ನಿಲ್ಲಿಸಿ ಎಂಜಿನ್ ಆಫ್ ಮಾಡಿ. ಬಿಸಿ ಇರುವಾಗ ರೇಡಿಯೇಟರ್ ಮುಚ್ಚಳ ಮುಟ್ಟಲೇಬೇಡಿ.

ಫ್ಯಾನ್ ತಿರುಗುತ್ತಿತ್ತು, ಆದರೆ ಜೀವ ಇಲ್ಲದ ಹಾಗೆ. ಫ್ಯೂಸ್ ಸರಿ. ರಿಲೇ ಟಿಕ್ ಅನ್ನುತ್ತಿತ್ತು. ನಾನು ಕೆಲಸ ಕಲಿತದ್ದು ಒಬ್ಬ ಎಲೆಕ್ಟ್ರಿಷಿಯನ್ ಉಸ್ತಾದರ ಹತ್ತಿರ ಕೂತು. ಅವರು ಹಿಂದೆ ಹೇಳಿದ್ದ ಮಾತು ಇಲ್ಲಿ ಕೈ ಹಿಡಿಯಿತು. ‘ಅಣ್ಣಾ, ಟಿಕ್ ಅಂದ್ರ ಕಾಯಿಲ್ ಚಲೋ ಅದ ಅಂತ ಅಷ್ಟೇ ಗೊತ್ತಾಗ್ತದ. ಪಾಯಿಂಟ್ ಸುಟ್ಟಿದ್ರೂ ಟಿಕ್ ಅಂತದ್ರಿ.’

ಇದನ್ನು ಅಳೆಯಬಹುದು. ಫ್ಯಾನ್ ಓಡುತ್ತಿರುವಾಗಲೇ ಮಲ್ಟಿಮೀಟರ್‌ನ ಒಂದು ಕಡ್ಡಿ 30ಕ್ಕೆ, ಇನ್ನೊಂದು 87ಕ್ಕೆ, ರಿಲೇ ಕೂರುವ ಸಾಕೆಟ್ ಹಿಂದಿನಿಂದ. ಪಾಯಿಂಟ್ ಚೆನ್ನಾಗಿದ್ದರೆ ಸೊನ್ನೆಯ ಹತ್ತಿರ ತೋರಿಸಬೇಕು. ನನಗೆ ತೋರಿಸಿದ್ದು 3 ವೋಲ್ಟ್. ಅಷ್ಟು ವೋಲ್ಟ್ ಫ್ಯಾನ್‌ಗೆ ಮುಟ್ಟದೆ ರಿಲೇಯಲ್ಲೇ ನಿಂತಿತ್ತು. ಫ್ಯಾನ್ 6 ಆಂಪಿಯರ್ ಎಳೆದರೂ ಆ ಬೆಂಕಿಪೆಟ್ಟಿಗೆಯಷ್ಟಿರುವ ಡಬ್ಬಿಯೊಳಗೆ 18 ವ್ಯಾಟ್ ಶಾಖ. ಮುಟ್ಟಿದರೆ ಬೆರಳು ಸುಡುತ್ತಿತ್ತು. ಹಾರ್ನ್ ರಿಲೇಯ ಕಾಲು, ವೋಲ್ಟ್, ಆಂಪಿಯರ್ ಎಲ್ಲಾ ಇದರದ್ದೇ ಆಗಿದ್ದರಿಂದ ಅದನ್ನು ಕಿತ್ತು ಇಲ್ಲಿ ಹಾಕಿ ನೋಡಿದೆ. ಫ್ಯಾನ್ ಭರ್ರ್ ಅಂತ ತಿರುಗಿತು.

ಹಳೆ ರಿಲೇ ಕಿತ್ತಾಗ ಸಾಕೆಟ್ಟನ್ನೂ ನೋಡಿದೆ. ಇದನ್ನು ಬಹಳ ಜನ ನೋಡುವುದೇ ಇಲ್ಲ. 87ರ ಸುತ್ತ ಪ್ಲಾಸ್ಟಿಕ್ ಕಂದಾಗಿ ಉಬ್ಬಿತ್ತು, ರಿಲೇ ಕಾಲನ್ನು ಹಿಡಿಯುವ ಒಳಗಿನ ಲೋಹದ ಹಿಡಿಕೆ ಸಡಿಲವಾಗಿ ಬಣ್ಣ ಕೆಟ್ಟಿತ್ತು. ಹಿಡಿಕೆ ಸಡಿಲ ಇದ್ದರೆ ಅಲ್ಲೂ ಬಿಸಿ ಏಳುತ್ತದೆ, ಹೊಸ ರಿಲೇಯೂ ಅದೇ ದಾರಿ ಹಿಡಿಯುತ್ತದೆ. ಹಾಗಾಗಿ ವೈರ್ ಸಮೇತ ಹೊಸ ಸಾಕೆಟ್ ಹಾಕಿದೆ. ಹಳೆಯದರ ಒಂದೊಂದೇ ವೈರ್ ಬಿಚ್ಚಿ ಹೊಸದರ ಅದೇ ನಂಬರಿಗೆ ಸೇರಿಸಿದರೆ ಗೊಂದಲ ಆಗುವುದಿಲ್ಲ.

ಅಂಗಡಿಗೆ ಹೋಗುವಾಗ ಹಳೆ ರಿಲೇ ಕೈಯಲ್ಲೇ ಇರಲಿ. ಲಾರಿ, ಬಸ್ಸುಗಳ 24 ವೋಲ್ಟ್ ರಿಲೇ ನೋಡಲು ಥೇಟ್ ಇದೇ ಥರ ಇರುತ್ತದೆ. ಅದನ್ನು 12 ವೋಲ್ಟ್ ಗಾಡಿಗೆ ಹಾಕಿದರೆ ಪಾಯಿಂಟ್ ಸರಿಯಾಗಿ ಎಳೆಯುವುದಿಲ್ಲ. ಪಕ್ಕದಲ್ಲಿ ಅಚ್ಚಾದ ಚಿತ್ರವನ್ನೂ ಹೋಲಿಸಿ. ಕೆಲವು ರಿಲೇಗಳಲ್ಲಿ ಕಾಯಿಲ್‌ಗೆ ಅಡ್ಡ ಡಯೋಡ್ (ಕರೆಂಟನ್ನು ಒಂದೇ ದಿಕ್ಕಿಗೆ ಬಿಡುವ ಬಿಡಿಭಾಗ) ಇರುತ್ತದೆ, ಅವಕ್ಕೆ ಪ್ಲಸ್ ಮೈನಸ್ ತಿರುವು ಮುರುವು ಆಗಬಾರದು. ಫ್ಯೂಸ್ ಕೂಡ ಹೆಸರಿಲ್ಲದ ಅಗ್ಗದ್ದು ಬೇಡ. ಕಳಪೆ ಫ್ಯೂಸ್‌ನಲ್ಲಿ ಪಟ್ಟಿ ಹಾರುವ ಮೊದಲೇ ಪ್ಲಾಸ್ಟಿಕ್ ಕರಗುವುದುಂಟು.

ಟಿಕ್ ಸದ್ದೇ ಬರದಿದ್ದರೆ ದಾರಿ ಬೇರೆ. ರಿಲೇ ಕಿತ್ತು 85, 86ರ ನಡುವೆ ಓಮ್ಸ್ ಅಳೆಯಿರಿ. 12 ವೋಲ್ಟ್ ರಿಲೇಗಳಲ್ಲಿ ಸಾಮಾನ್ಯವಾಗಿ 70ರಿಂದ 100ರ ಆಸುಪಾಸು ಬರುತ್ತದೆ. ಏನೂ ತೋರಿಸದಿದ್ದರೆ ಕಾಯಿಲ್ ಕಡಿದಿದೆ. ಸರಿಯಾಗಿ ತೋರಿಸಿದರೆ ರಿಲೇ ಬಿಟ್ಟು ಸ್ವಿಚ್, ಅರ್ಥಿಂಗ್ (ಬಾಡಿಯ ಮೂಲಕ ಬ್ಯಾಟರಿಯ ಮೈನಸ್‌ಗೆ ಹೋಗುವ ದಾರಿ) ಕಡೆ ನೋಡಬೇಕು. ನಮ್ಮ ಕಡೆ ಧೂಳು ಜಾಸ್ತಿ, ಜೂನ್ ಮಳೆ ಬಿದ್ದ ಮೇಲೆ ಬಾಡಿಗೆ ಬಿಗಿದ ಅರ್ಥ್ ಬೋಲ್ಟ್ ಕೆಳಗೆ ತುಕ್ಕು ಹಿಡಿಯುತ್ತದೆ. ಬಿಚ್ಚಿ, ಕಬ್ಬಿಣ ಹೊಳೆಯುವ ತನಕ ಉಜ್ಜಿ ಮತ್ತೆ ಬಿಗಿದರೆ ಎಷ್ಟೋ ಸಲ ಅಲ್ಲಿಗೇ ಸರಿಹೋಗುತ್ತದೆ.

ಬ್ಯಾಟರಿಯಿಂದ ನೇರ ಬರುವ ದಪ್ಪ ವೈರ್ ಮತ್ತು ಅದರಲ್ಲಿರುವ ಮುಖ್ಯ ಫ್ಯೂಸಿಗೆ ಮಾತ್ರ ನಾನು ಕೈ ಹಾಕುವುದಿಲ್ಲ. ಅಲ್ಲಿ ಶಾರ್ಟ್ ಆದರೆ ತಡೆಯಲು ಬೇರೇನೂ ಇಲ್ಲ. ಅದು ಹೋದರೆ ಗಾಡಿ ಎಳೆಸಿಕೊಂಡಾದರೂ ಉಸ್ತಾದರ ಹತ್ತಿರ ಹೋಗುತ್ತೇನೆ.