ವಿಮಾನ ಹೊಡೆಯುವ ಗನ್ನನ್ನು ಬೀದಿಗೆ ಇಳಿಸಿದ್ದು: ನನ್ನ ಅನುಭವ

ಟೇಬಲ್ ಮೇಲೆ ಸಣ್ಣ ಮಾಡೆಲ್‌ಗಳನ್ನು ಇಟ್ಟು ಎರಡನೇ ಮಹಾಯುದ್ಧದ ಕಾಳಗ ಆಡುವುದು ನಮ್ಮ ಹವ್ಯಾಸ. ಊರಿನ ಬೀದಿಗಳಿರುವ ಸಿಟಿ ಟೇಬಲ್‌ನಲ್ಲಿ ಹೆವಿ ಎಎ ಗನ್ (ವಿಮಾನ ಹೊಡೆಯುವ ಭಾರಿ ತೋಪು) ದಂಡ ಅಂತ ನಮ್ಮ ಗುಂಪಿನಲ್ಲಿ ಎಲ್ಲರೂ ತೀರ್ಮಾನ ಮಾಡಿಬಿಟ್ಟಿದ್ದರು. ಮರುಭೂಮಿ ಟೇಬಲ್ ಹಾಕಿದರೆ 88 (ಜರ್ಮನ್ನರ 88 ಮಿ.ಮೀ. ಎಎ ಗನ್) ನನಗೆ ಬೇಕು, ನಿನಗೆ ಬೇಡ ಅಂತ ಜಗಳ ಆಡುವವರೇ, ಊರಿನ ಟೇಬಲ್ ಅಂದ ಕೂಡಲೇ ಅದನ್ನು ಪೆಟ್ಟಿಗೆಯಲ್ಲೇ ಬಿಟ್ಟು ಬರುತ್ತಿದ್ದರು. ಈ ಕಕ್ಕಡದಲ್ಲಿ, ಅಂದರೆ ನಮ್ಮ ಕೊಡಗಿನ ಜೋರು ಮಳೆಯ ತಿಂಗಳಲ್ಲಿ, ಆ ಮಾತು ನಿಂತಿತು. ನಿಲ್ಲಿಸಿದ್ದು ನಾನೇ. ಸ್ವಲ್ಪ ಕೊಚ್ಚಿಕೊಂಡರೆ ಸಹಿಸಿಕೊಳ್ಳಿ.

ಆಡುವವರಿಗೆ ಮೂಲ ಪಾಠ ಬೇಡ ಅಲ್ವಾ. ನಮ್ಮ ಮಾಡೆಲ್‌ಗಳದು 1/72 ಅಳತೆ (ನಿಜದ 72ರಲ್ಲಿ ಒಂದು ಪಾಲು), ಎಂಟಡಿ ಐದಡಿ ಟೇಬಲ್. ನೆಲದ ಲೆಕ್ಕ ಒಂದು ಇಂಚಿಗೆ 10 ಮೀಟರ್. ಒಂದು ಟರ್ನ್ ಅಂದರೆ ಎರಡು ನಿಮಿಷ. ಹತ್ತು ಮುಖದ ಡೈಸ್. ರೂಲ್ಸ್ ಅಲ್ಲಿಂದ ಇಲ್ಲಿಂದ ತಂದು ಸೇರಿಸಿದ್ದು. ಗೋಣಿಕೊಪ್ಪಲಿನ ಹತ್ತಿರ ನಮ್ಮ ಕಾಫಿ ಗೋಡೌನ್ ಮಳೆಗಾಲದಲ್ಲಿ ಖಾಲಿ ಇರುತ್ತದೆ. ಜೂನ್‌ನಿಂದ ಸೆಪ್ಟೆಂಬರ್ ತನಕ ಅದೇ ನಮ್ಮ ಯುದ್ಧಭೂಮಿ. ಬರುವವರು ಪೊನ್ನಂಪೇಟೆ ಕಡೆಯ ಒಬ್ಬ ರಿಟೈರ್ಡ್ ಹವಾಲ್ದಾರ್, ಸಿದ್ದಾಪುರದ ಒಬ್ಬ ಪ್ಲಾಂಟರ್, ವಿರಾಜಪೇಟೆಯ ಒಬ್ಬ ಲೆಕ್ಚರರ್, ಮತ್ತೆ ಲೆಕ್ಚರರ್ ಮಗ. ಹವಾಲ್ದಾರ್ ಮಾಮ ಫೀಲ್ಡ್ ಗನ್ ಮೇಲೆ ವರ್ಷಗಟ್ಟಲೆ ಕೆಲಸ ಮಾಡಿದವರು. ಅವರ ಮುಂದೆ ತೋಪಿನ ವಿಷಯ ಮಾತಾಡುವುದೇ ಒಂದು ಧೈರ್ಯ. "ಆಕಾಶ ನೋಡೋ ಗನ್ನನ್ನ ಗಲ್ಲಿಗೆ ತಂದು ಏನ್ ಮಾಡ್ತೀಯ?" ಅನ್ನುವುದು ಅವರ ಖಾಯಂ ಮಾತು.

ಮೊದಲು ದುಡ್ಡಿನ ಕಥೆ. 88 ಮತ್ತು ಅದನ್ನು ಎಳೆಯುವ ಎಂಟು ಟನ್ ಹಾಫ್‌ಟ್ರ್ಯಾಕ್ (ಮುಂದೆ ಚಕ್ರ, ಹಿಂದೆ ಟ್ಯಾಂಕಿನಂಥ ಪಟ್ಟಿ ಇರುವ ಗಾಡಿ) ಸೇರಿದ ಕಿಟ್ ಒಂದಕ್ಕೆ ಸುಮಾರು ಎರಡೂವರೆ ಸಾವಿರ ಆಯಿತು. ಕೊರಿಯರ್ ಮತ್ತು ತೆರಿಗೆ ಸೇರಿ ಅದರ ಮೇಲೆ ಮುಕ್ಕಾಲು ಪಾಲು ಮತ್ತೆ ಹೋಯಿತು. ಪೆಟ್ಟಿಗೆ ಒದ್ದೆಯಾಗಿ ಬಂತು, ಒಳಗೆ ಒಂದು ಚಕ್ರ ಇಲ್ಲ. ಮಾರಿದವರು ಉತ್ತರವನ್ನೇ ಕೊಡಲಿಲ್ಲ. ಎರಡನೇ ಗನ್ ಕೊಳ್ಳುವ ಬದಲು ಮಾಡಿಯೇ ಬಿಡೋಣ ಅಂತ ರಷ್ಯಾದ 85 ಮಿ.ಮೀ. ಎಎ ಗನ್ 52-ಕೆ ಕೈಯಲ್ಲೇ ಮಾಡಿದೆ. ಆ ಗನ್ನಿನ ನಳಿಗೆ ಸುಮಾರು 4.7 ಮೀಟರ್. ನಮ್ಮ ಅಳತೆಗೆ ಆರೂವರೆ ಸೆಂಟಿಮೀಟರ್. ಬಾಲ್‌ಪೆನ್ ರೀಫಿಲ್ ಕತ್ತರಿಸಿದರೆ ಹೆಚ್ಚುಕಡಿಮೆ ಸರಿಯಾಗುತ್ತದೆ. ತುದಿಯ ಮಜಲ್ ಬ್ರೇಕ್ (ಹೊಡೆದಾಗಿನ ಹಿಂದೇಟು ತಗ್ಗಿಸುವ ಭಾಗ) ಯಾವುದರಿಂದ ಮಾಡಿದೆ ಅಂತ ಕೇಳಬೇಡಿ. ಅದು ನನ್ನ ಹತ್ತಿರವೇ ಇರಲಿ.

ಕೊಡಗಿನ ಮಳೆಯಲ್ಲಿ ಮಾಡೆಲ್ ಮಾಡುವುದು ಬೇರೆಯೇ ಶಿಕ್ಷೆ. ಮ್ಯಾಟ್ ವಾರ್ನಿಶ್ ಹೊಡೆದರೆ ತೇವಕ್ಕೆ ಬೆಳ್ಳಗೆ ಮಂಜು ಕಟ್ಟುತ್ತದೆ. ಎಂಡಿಎಫ್ ಹಲಗೆ ಮೇಲೆ ಮಾಡಿದ ಎರಡು ಬೀದಿಗಳು ಊದಿ ಬಾಗಿದವು. ಮೂರು ಸಾವಿರ ಅಲ್ಲೇ ಹೋಯಿತು. ಕಾಂಕ್ರೀಟ್ ಪುಡಿ ಅಂತ ಕಾಫಿ ಹೊಟ್ಟು ಅಂಟಿಸಿ ಬೂದು ಬಣ್ಣ ಹೊಡೆದಿದ್ದೆ. ನೋಡಲು ಬಹಳ ಚೆನ್ನಾಗಿತ್ತು. ಹದಿನೈದು ದಿನದಲ್ಲಿ ಇಡೀ ಸ್ಟಾಲಿನ್‌ಗ್ರಾಡ್ ಟೇಬಲ್‌ಗೆ ಬೂಷ್ಟು ಹಿಡಿಯಿತು. ಈಗ ಹಳೇ ಹೆಂಚು ಕುಟ್ಟಿ, ಜರಡಿ ಹಿಡಿದು ಹಾಕುತ್ತೇನೆ. ಬೂಷ್ಟಿನ ಚಿಂತೆ ಇಲ್ಲ, ಬಣ್ಣವೂ ಉಳಿತಾಯ. ಪೇಂಟ್ ಮಾಡಿದ್ದನ್ನೆಲ್ಲ ಅಡುಗೆಮನೆ ಒಲೆಯ ಮೇಲಿನ ಅಟ್ಟದಲ್ಲಿ ಒಂದು ರಾತ್ರಿ ಇಡುತ್ತೇನೆ. ಮನೆಯವರಿಗೆ ಇದು ಅಷ್ಟು ಇಷ್ಟವಿಲ್ಲ. ಒಟ್ಟು ಮೊದಲ ಮಳೆಗಾಲಕ್ಕೆ ಹದಿನೆಂಟು ಇಪ್ಪತ್ತು ಸಾವಿರ ಖರ್ಚಾಗಿರಬೇಕು. ಲೆಕ್ಕ ಬರೆದಿಟ್ಟಿಲ್ಲ, ಬರೆದಿಡುವುದು ಕ್ಷೇಮವೂ ಅಲ್ಲ.

ಇನ್ನು ಆಟ. ಶುರುವಿನಲ್ಲಿ ಗನ್ನನ್ನು ದೊಡ್ಡ ಚೌಕದ ನಡುವೆ ಇಟ್ಟೆ. ಸುತ್ತ 360 ಡಿಗ್ರಿ ತಿರುಗುವ ಗನ್, ನಾಲ್ಕೂ ಬೀದಿ ಕಾಯಲಿ ಅಂತ ಯೋಚನೆ. ಮೂರನೇ ಟರ್ನ್‌ಗೆ ಮುಗಿಯಿತು. ಸಿಬ್ಬಂದಿ ಹತ್ತು ಜನ, ಎಲ್ಲರೂ ಬಯಲಲ್ಲಿ. ಸುತ್ತ ನಾಲ್ಕು ಮಹಡಿ ಕಟ್ಟಡಗಳ ಕಿಟಕಿ. ಪ್ಲಾಂಟರ್ ಟ್ಯಾಂಕನ್ನು ಮುಂದಕ್ಕೆ ತರಲೇ ಇಲ್ಲ. ಎರಡು ಮೆಷಿನ್ ಗನ್ ಮತ್ತು ಒಂದು ಮಾರ್ಟರ್ ಸಾಕಾಯಿತು.

ಆಮೇಲೆ ಮುನ್ನುಗ್ಗುವ ಪಡೆಯ ಹಿಂದೆ ಎಳೆದುಕೊಂಡು ಹೋಗಿ ನೋಡಿದೆ. ಹಾಫ್‌ಟ್ರ್ಯಾಕ್ ಸುಮಾರು ಏಳು ಮೀಟರ್, ಹಿಂದೆ ಗನ್ ಏಳೂವರೆ ಮೀಟರ್. ಎರಡೂ ಸೇರಿ ಟೇಬಲ್ ಮೇಲೆ 20 ಸೆಂಟಿಮೀಟರ್ ಉದ್ದ. ನಮ್ಮ ಗಲ್ಲಿಗಳ ಅಗಲ ಹತ್ತು ಹನ್ನೆರಡು ಸೆಂಟಿಮೀಟರ್. ತಿರುವಿನಲ್ಲಿ ಸಿಕ್ಕಿಕೊಂಡು ನನ್ನದೇ ಟ್ಯಾಂಕ್‌ಗಳಿಗೆ ದಾರಿ ಬಂದ್. ಬಿಡಿಸಿಕೊಂಡು ಬಂದರೂ, ಗನ್ನನ್ನು ಚಕ್ರದಿಂದ ಇಳಿಸಿ ಕಾಲು ಚಾಚಿಸಲು ಪಳಗಿದ ತಂಡಕ್ಕೂ ಎರಡು ಮೂರು ನಿಮಿಷ ಬೇಕು. ಅಂದರೆ ಒಂದರಿಂದ ಒಂದೂವರೆ ಟರ್ನ್ ಗುಂಡಿನ ಎದುರು ಸುಮ್ನೆ ನಿಲ್ಲಬೇಕು. ನಿಲ್ಲಲು ಯಾರೂ ಉಳಿಯಲಿಲ್ಲ.

ಎತ್ತರದಲ್ಲಿ ಇಟ್ಟರೆ? ಅದನ್ನೂ ಮಾಡಿದೆ. ಕುಸಿದ ಕಟ್ಟಡದ ಮೇಲೆ ಇಳಿಜಾರು ಮಾಡಿ ಹತ್ತಿಸಿದೆ. 88 ಕೆಳಕ್ಕೆ ಬಗ್ಗುವುದು ಮೂರೇ ಡಿಗ್ರಿ. ಮೇಲಕ್ಕೆ 85. ಆಕಾಶಕ್ಕೆ ಹುಟ್ಟಿದ ಗನ್ ಅಲ್ವಾ. ಕೆಳಗೆ ಬೀದಿಯಲ್ಲಿ ಶತ್ರುಗಳು ಆರಾಮಾಗಿ ಓಡಾಡಿದರು.

ಇಲ್ಲಿ ಸ್ವಲ್ಪ ದಾರಿ ತಪ್ಪಿ ಹೋದೆ. ಹಾಗಾದರೆ ಬರ್ಲಿನ್‌ನ ಫ್ಲಾಕ್ ಟವರ್‌ಗಳ (ತುದಿಯಲ್ಲಿ ಎಎ ಗನ್ ಇದ್ದ ಕಾಂಕ್ರೀಟ್ ಗೋಪುರಗಳ) ಕಥೆ ಏನು ಅಂತ ಲೆಕ್ಚರರ್ ಕೇಳಿದರು. 1945ರ ಏಪ್ರಿಲ್‌ನಲ್ಲಿ ಝೂ ಟವರ್‌ನ 128 ಮಿ.ಮೀ. ಜೋಡಿ ಗನ್‌ಗಳು ರಷ್ಯನ್ನರ ಮೇಲೆ ಗುಂಡು ಹಾರಿಸಿದವಲ್ಲ! ಫ್ರಿಜ್ ಪ್ಯಾಕಿಂಗ್ ಥರ್ಮಾಕೋಲ್ ಇತ್ತು. ಟವರ್ ಸುಮಾರು 40 ಮೀಟರ್, ನಮ್ಮ ಅಳತೆಗೆ ಅರ್ಧ ಮೀಟರ್ ದಾಟುತ್ತದೆ. ಕಟ್ಟಿದೆ. ತುದಿಗೆ ಲೇಸರ್ ಪಾಯಿಂಟರ್ ಕಟ್ಟಿ ಮೂರು ಡಿಗ್ರಿ ಬಗ್ಗಿಸಿದೆ. ಬೆಳಕಿನ ಚುಕ್ಕೆ ಟೇಬಲ್ ಮೇಲೆ ಬೀಳಲೇ ಇಲ್ಲ. ಬಾಗಿಲು ದಾಟಿ, ಕಾಫಿ ಒಣಗಿಸುವ ಕಣದಲ್ಲಿ ಮಳೆನೀರಿನ ಮೇಲೆ ಬಿತ್ತು. ಹವಾಲ್ದಾರ್ ಮಾಮ ತಡೆದರು. ಎತ್ತರಕ್ಕೆ 1/72, ದೂರಕ್ಕೆ ಇಂಚಿಗೆ 10 ಮೀಟರ್, ಎರಡನ್ನೂ ಕಲಸಬೇಡ ಅಂದರು. ಕಾಗದದ ಮೇಲೆ ಮಾಡಿದಾಗ 760 ಮೀಟರ್ ಬಂತು. ಟೇಬಲ್ ಮೇಲೆ 76 ಇಂಚು, ಆರಡಿಗೂ ಜಾಸ್ತಿ. ಅಷ್ಟರೊಳಗೆ ಬಂದವನನ್ನು ಆ ಗನ್ ಮುಟ್ಟಲಾರದು. ದೂರದವರಿಗೆ ಯಮ, ಬುಡಕ್ಕೆ ಬಂದವರಿಗೆ ಏನೂ ಅಲ್ಲ. ಒಂದು ವಾರದ ಸಂಜೆಗಳು ಇದಕ್ಕೇ ಹೋದವು, ಆದರೆ ತಲೆಯಲ್ಲಿ ಒಂದು ವಿಷಯ ಕೂತಿತು. ಈ ಗನ್ನಿಗೆ ದೂರ ಬೇಕು, ಸಮತಟ್ಟು ನೆಲ ಬೇಕು. ಊರಿನಲ್ಲಿ ಇವೆರಡೂ ಸಿಗುವುದು ಒಂದೇ ಕಡೆ, ನೇರವಾದ ದೊಡ್ಡ ಬೀದಿಯಲ್ಲಿ.

ಅದೇ ಕೊನೆಗೆ ಕೈ ಹಿಡಿಯಿತು. ಗನ್ನನ್ನು ಬೀದಿಯ ಆ ತುದಿಗೆ ಇಡಬೇಕು, ಚೌಕಕ್ಕೆ ಅಲ್ಲ. ಎದುರಾಳಿ ದಾಟಲೇಬೇಕಾದ ಅಡ್ಡರಸ್ತೆಯಿಂದ 50-60 ಇಂಚು ಹಿಂದೆ. ನಮ್ಮ ರೂಲ್ಸ್‌ನಲ್ಲಿ ರೈಫಲ್ 30 ಇಂಚಿಗೆ ನಿಲ್ಲುತ್ತದೆ, ಆದ್ದರಿಂದ ಕಿಟಕಿಯವರ ಕಾಟ ಅರ್ಧ ಕಡಿಮೆ. ಗನ್ ಎರಡು ಮೀಟರ್ ಎತ್ತರ, ಮರೆಮಾಡುವುದು ಕಷ್ಟ. ಬೀದಿಯ ನಡುವೆ ಇಡದೆ ಒಂದು ಬದಿಗೆ ಸರಿಸಿ, ಕುಸಿದ ಗೋಡೆಯ ಹಿಂದೆ ನಳಿಗೆ ಮಾತ್ರ ಕಾಣುವ ಹಾಗೆ ಕೂರಿಸಿದೆ. ಮುಂದಿನ ನೆಲಕ್ಕೆ ನೀರು ಹಾಕಿದ್ದೇನೆ ಅಂತ ಬರೆದುಕೊಟ್ಟು, ಪಡೆ ಕಟ್ಟಲು ಸಿಗುವ ಪಾಯಿಂಟ್‌ಗಳಲ್ಲಿ ಒಂದನ್ನು ಅದಕ್ಕೆ ಕಟ್ಟಿದೆ. ಒಣ ನೆಲವಾದರೆ ಮೊದಲ ಹೊಡೆತಕ್ಕೇ ಧೂಳೆದ್ದು ಜಾಗ ಗೊತ್ತಾಗುತ್ತದೆ. ಎದುರಾಳಿಗೆ ಗನ್ ಎಲ್ಲಿದೆ ಅಂತ ಕೊನೆತನಕ ತಪ್ಪು ಅಂದಾಜು ಬರುವಂತೆ ಮಾಡಲು ಇನ್ನೊಂದು ಉಪಾಯ ಇದೆ. ಪ್ಲಾಂಟರ್ ಇದನ್ನು ಓದುತ್ತಾರೆ, ಆದ್ದರಿಂದ ಬರೆಯುವುದಿಲ್ಲ.

ಇದಕ್ಕಿಂತ ದೊಡ್ಡ ಬದಲಾವಣೆ ಗುರಿಯದು. ಎಲ್ಲರೂ 88 ಅಂದರೆ ಟ್ಯಾಂಕ್ ಅನ್ನುತ್ತಾರೆ. 1940ರಲ್ಲಿ ಫ್ರಾನ್ಸಿನ ಅರಾಸ್‌ನಲ್ಲಿ ಬ್ರಿಟಿಷರ ಮಟಿಲ್ಡಾ ಟ್ಯಾಂಕ್‌ಗಳನ್ನು ನಿಲ್ಲಿಸಿತು, 1941ರಲ್ಲಿ ಈಜಿಪ್ಟಿನ ಹಲ್ಫಾಯಾದಲ್ಲಿ ಸುಟ್ಟಿತು, ನಿಜ. ಊರಿನಲ್ಲಿ ಟ್ಯಾಂಕ್ ಕಾಯುತ್ತಾ ಕೂತರೆ ಗನ್ನಿಗೆ ಕೆಲಸವೇ ಇರುವುದಿಲ್ಲ. ನಾನು ಗೋಡೆ ಹೊಡೆದೆ. ಒಂಬತ್ತು ಕೆಜಿ ಮೀರಿದ ಹೈ ಎಕ್ಸ್‌ಪ್ಲೋಸಿವ್ ಶೆಲ್, ಸೆಕೆಂಡಿಗೆ 800 ಮೀಟರ್ ಮೀರಿದ ವೇಗ, ನೇರ ಗೆರೆಯಂಥ ಹಾದಿ. ಬೀದಿಯ ಎರಡೂ ಬದಿಯಲ್ಲಿ ಮೆಷಿನ್ ಗನ್ ಕೂರಬಹುದಾದ ಕೋಣೆಗಳನ್ನು ಒಂದೊಂದಾಗಿ ತೆಗೆದೆ. ನಮ್ಮ ರೂಲ್ಸ್‌ನಲ್ಲಿ ಇದಕ್ಕೆ ಜಾಗವೇ ಇರಲಿಲ್ಲ. ತೋಪು ಅಂದರೆ ಮೇಲಿಂದ ಬೀಳುವುದು ಮಾತ್ರ. ಆಗ ನಾನು ಜರ್ಮನಿಯ ಆಖೆನ್ ನಗರದ ಉದಾಹರಣೆ ತೆಗೆದೆ. 1944ರ ಅಕ್ಟೋಬರ್‌ನಲ್ಲಿ ಅಮೆರಿಕನ್ನರು ಅಲ್ಲಿ ಟ್ಯಾಂಕಿನ ಹಾಗೆ ತಾನೇ ಓಡುವ 155 ಮಿ.ಮೀ. ಗನ್ನನ್ನು ಬೀದಿಗೆ ತಂದು ಕಟ್ಟಡಗಳಿಗೆ ನೇರವಾಗಿ ಹೊಡೆದರು. ಅದು ಎಎ ಗನ್ ಅಲ್ಲ, ಆದರೆ ತತ್ವ ಅದೇ. ಮನಿಲಾದಲ್ಲಿ 1945ರ ಫೆಬ್ರವರಿಯಲ್ಲಿ ಜಪಾನಿ ನೌಕಾಪಡೆಯವರು ಹಡಗಿನಿಂದ ಕಳಚಿದ ಗನ್‌ಗಳನ್ನು, ಎಎ ಗನ್‌ಗಳನ್ನು ಬೀದಿ ಕಾಯಲು ಇಟ್ಟಿದ್ದರು. ಹವಾಲ್ದಾರ್ ಮಾಮ ಬಹಳ ಹೊತ್ತು ಯೋಚನೆ ಮಾಡಿ, ಇಟ್ಟಿಗೆ ಗೋಡೆಯಾದರೆ ಮೂರು ಹಿಟ್‌ಗೆ ಒಂದು ಕೋಣೆ ಅಂತ ಒಪ್ಪಿದರು. ಕಾಂಕ್ರೀಟ್‌ಗೆ ಐದು.

ಮದ್ದುಗುಂಡಿನ ಲೆಕ್ಕ ಎಲ್ಲರೂ ಬಿಟ್ಟುಬಿಡುತ್ತಾರೆ. ನಿಮಿಷಕ್ಕೆ 15-20 ಹೊಡೆಯುತ್ತದೆ ಅಂತ ಪುಸ್ತಕ ಹೇಳುತ್ತದೆ. ಹೊಡೆಯುತ್ತದೆ. ಒಂದೊಂದು ರೌಂಡ್ 15 ಕೆಜಿ ಹತ್ತಿರ. ನೂರು ರೌಂಡ್ ಅಂದರೆ ಒಂದೂವರೆ ಟನ್. ಗನ್ ಜೊತೆ ಸಿಗುವ ಮಾಮೂಲಿ ಟೋಕನ್‌ಗಳು ಮೂರು ಟರ್ನ್‌ಗೆ ಖಾಲಿ. ನಾನು ಹಾಫ್‌ಟ್ರ್ಯಾಕ್ ಕೈಬಿಟ್ಟೆ, ಹೇಗೂ ಗನ್ ಅಲ್ಲಿಂದ ಅಲ್ಲಾಡುವುದಿಲ್ಲ. ಒಂದು ಟ್ಯಾಂಕನ್ನೂ ಕೈಬಿಟ್ಟೆ. ಆ ಪಾಯಿಂಟ್‌ಗಳಲ್ಲಿ ಎರಡು ಲಾರಿ ಮದ್ದುಗುಂಡು, ಗನ್ ಸುತ್ತ ಕಾಯಲು ಒಂದು ಪ್ಲಟೂನ್, ಪಕ್ಕದ ಗಲ್ಲಿಗಳಿಗೆ ಸ್ಯಾಪರ್‌ಗಳು (ಸ್ಫೋಟಕದ ಕೆಲಸ ಮಾಡುವ ಸೈನಿಕರು). ಎರಡೂವರೆ ಸಾವಿರ ಕೊಟ್ಟು ತಂದ ಹಾಫ್‌ಟ್ರ್ಯಾಕ್ ಈಗ ಶೆಲ್ಫ್ ಮೇಲೆ ಕೂತಿದೆ. ನೋಡಿದಾಗಲೆಲ್ಲ ಹೊಟ್ಟೆ ಉರಿಯುತ್ತದೆ.

ಪರೀಕ್ಷೆ ಆಗಿದ್ದು ಸ್ಟಾಲಿನ್‌ಗ್ರಾಡ್ ಟೇಬಲ್ ಮೇಲೆ, ನನ್ನ ಕೈಯಿಂದ ಮಾಡಿದ 52-ಕೆ ಜೊತೆ. 1942ರ ಆಗಸ್ಟ್ 23ರಂದು ಜರ್ಮನ್ನರ 16ನೇ ಪ್ಯಾಂಜರ್ (ಟ್ಯಾಂಕ್) ಡಿವಿಜನ್ ನಗರದ ಉತ್ತರ ಅಂಚಿಗೆ ಬಂದಾಗ ಎದುರು ನಿಂತಿದ್ದು ರಷ್ಯನ್ನರ 1077ನೇ ಎಎ ರೆಜಿಮೆಂಟ್. ಗನ್‌ಗಳ ಮೇಲೆ ಬಹುಪಾಲು ಹುಡುಗಿಯರೇ. ನಳಿಗೆ ಇಳಿಸಿ ಟ್ಯಾಂಕ್‌ಗಳ ಮೇಲೆ ಹೊಡೆದು ಕೊನೆತನಕ ನಿಂತರು. ಅದೇ 85ರ ಬಲ ಆಮೇಲೆ ಟಿ-34-85 ಟ್ಯಾಂಕ್‌ಗೆ ಬಂತು. 88ರದ್ದು ಜರ್ಮನ್ನರ ಟೈಗರ್ ಟ್ಯಾಂಕ್‌ಗೆ ಹೋದ ಹಾಗೆ. ನಾನು ಅದಕ್ಕೆ ಕಾರ್ಖಾನೆಯ ಮುಂದಿನ ಬೀದಿ ಕೊಟ್ಟೆ. ಎದುರಿಗೆ ಪ್ಲಾಂಟರ್, ಹನ್ನೆರಡೋ ಹದಿಮೂರೋ ಪ್ಯಾಂಜರ್.

ಮೊದಲ ಎರಡು ಟರ್ನ್ ನಾನು ಹೊಡೆಯಲೇ ಇಲ್ಲ. ಅವರ ಮೆಷಿನ್ ಗನ್‌ಗಳು ಮೂಲೆಮನೆಗೆ ಹೋಗಿ ಕೂತ ಮೇಲೆ ಆ ಮನೆಯನ್ನೇ ಇಳಿಸಿದೆ. ಮುಂದಿನ ಮನೆಯನ್ನೂ. ಮಾಡಿನ ಮೇಲಿದ್ದವರಿಗೆ ಟೈಮ್ ಫ್ಯೂಸ್ ಹಾಕಿ ಗಾಳಿಯಲ್ಲೇ ಒಡೆಸಿದೆ. ವಿಮಾನಕ್ಕೆ ಮಾಡಿದ ಶೆಲ್ ಅಲ್ವಾ, ಅದರ ಹುಟ್ಟುಗುಣವೇ ಅದು. ಅಡ್ಡರಸ್ತೆಗೆ ಮೂಗು ಹಾಕಿದ ಎರಡು ಟ್ಯಾಂಕ್ ಅಲ್ಲೇ ಉಳಿದವು. ಆಮೇಲೆ ಆನೆ ನಿಂತಿರುವ ತೋಟದ ದಾರಿಗೆ ಯಾರೂ ಕಾಲಿಡದ ಹಾಗೆ, ಅವರ ಪಡೆ ಆ ಬೀದಿಯನ್ನೇ ಬಿಟ್ಟಿತು. ಪಕ್ಕದ ಗಲ್ಲಿಗಳಿಗೆ ನುಗ್ಗಿದರು. ಅಲ್ಲಿ ನನ್ನ ಸ್ಯಾಪರ್‌ಗಳು ಕಾಯುತ್ತಿದ್ದರು. ಕರೆಂಟ್ ಹೋಗಿ ಹೆಡ್‌ಲ್ಯಾಂಪ್ ಬೆಳಕಲ್ಲಿ ಕೊನೆಯ ಟರ್ನ್ ಮುಗಿಸಿದೆವು. ಗನ್ ಹತ್ತಿರ ಆರು ಜನ ಸತ್ತಿದ್ದರು, ಗನ್ ಬದುಕಿತ್ತು, ಬೀದಿ ನನ್ನದು. ಪ್ಲಾಂಟರ್ ಡೈಸ್ ಕೆಟ್ಟಿತ್ತು ಅಂದರು. ಮುಂದಿನ ವಾರ ಪಕ್ಷ ಬದಲಿಸಿ, ನನ್ನ 88ನ್ನು ಅವರಿಗೇ ಕೊಟ್ಟು, ಇದೇ ರೀತಿ ಇಡಲು ಹೇಳಿದೆ. ನನಗೂ ದಾಟಲು ಆಗಲಿಲ್ಲ. ಅಲ್ಲಿಗೆ ಡೈಸ್ ಮಾತು ಮುಗಿಯಿತು.

ನಡುವೆ 20 ಮಿ.ಮೀ. ನಾಲ್ಕು ನಳಿಗೆಯ ಫ್ಲಾಕ್‌ವಿಯರ್‌ಲಿಂಗನ್ನೂ ನೋಡಿದೆ. ಕಿಟಕಿಯವರ ತಲೆ ಮೇಲೇಳದ ಹಾಗೆ ಮಾಡಲು ಅದು 88ಗಿಂತ ಒಳ್ಳೆಯದು, ಪಾಯಿಂಟ್ ಕೂಡ ಕಡಿಮೆ. ಆದರೆ ಮ್ಯಾಗಜೀನ್‌ಗೆ 20 ಗುಂಡು ಮಾತ್ರ, ತುಂಬುವುದರಲ್ಲೇ ಟರ್ನ್ ಹೋಗುತ್ತದೆ. ಗೋಡೆ ಬೀಳುವುದೂ ಇಲ್ಲ. ಲೆಕ್ಚರರ್ ಮಗನಿಗೆ ಸಿರಿಯಾದ ವಿಡಿಯೋಗಳಲ್ಲಿ ನೋಡಿದ ಪಿಕಪ್ ಮೇಲಿನ ಝಡ್‌ಯು-23 (ರಷ್ಯಾದ ಎಎ ಗನ್) ಬೇಕಂತೆ. ಅವನು ಮಾಡಲಿ, ನಾನು ರೂಲ್ಸ್ ಬರೆದುಕೊಡುತ್ತೇನೆ.

ಆಕ್ರಮಣದಲ್ಲಿ ಈ ವಿಧಾನ ಅರ್ಧ ಮಾತ್ರ ನಡೆಯುತ್ತದೆ, ಹೇಳಿಬಿಡುತ್ತೇನೆ. ಮೊದಲ ಬೀದಿ ಸಿಕ್ಕ ಮೇಲೆ ಗನ್ ಮುಂದಕ್ಕೆ ಬರಬೇಕು, ಅಲ್ಲಿ ಮತ್ತೆ ಆ 20 ಸೆಂಟಿಮೀಟರ್ ಮೆರವಣಿಗೆ. ಬರ್ಲಿನ್ ಟೇಬಲ್‌ನಲ್ಲಿ ರಾತ್ರಿ ಟರ್ನ್‌ಗಳಲ್ಲಿ ಮಾತ್ರ ಸರಿಸಿ ಒಂದು ಸಲ ಗೆದ್ದೆ. ಇನ್ನೊಂದು ಸಲ ನೋಡದೆ ಶಿಫಾರಸು ಮಾಡುವುದಿಲ್ಲ.

ಸೆಪ್ಟೆಂಬರಿನ ಕೈಲ್‌ಪೊಳ್ದ್ ಹಬ್ಬ ಕಳೆದ ಮೇಲೆ, ಕಾಫಿ ಕೊಯ್ಲು ಶುರುವಾಗುವ ಮುಂಚೆ ಬ್ರಿಟಿಷರ 3.7 ಇಂಚಿನ ಎಎ ಗನ್ ಮಾಡಬೇಕು ಅಂತ ಇದೆ. 88ಕ್ಕಿಂತ ಬಹಳ ಭಾರ, ಇನ್ನೂ ಸೋಮಾರಿ. ಹವಾಲ್ದಾರ್ ಮಾಮ ಈ ಸಲ ಏನೂ ಅನ್ನಲಿಲ್ಲ, ಬೀದಿ ಇನ್ನೂ ಎರಡಡಿ ಉದ್ದ ಇರಲಿ ಅಂದರು ಅಷ್ಟೇ. ನಳಿಗೆಗೆ ರೀಫಿಲ್ ಸಿಕ್ಕಿದೆ. ಚಕ್ರಗಳು ಸಿಕ್ಕಿಲ್ಲ. ಯಾರ ಹತ್ತಿರವಾದರೂ 1/72ರ ನಾಲ್ಕು ಲಾರಿ ಚಕ್ರ ಉಳಿದಿದ್ದರೆ ಹೇಳಿ. ದುಡ್ಡು ಬೇಡ ಅಂದರೆ ತೋಟದ ಕರಿಮೆಣಸು ಅರ್ಧ ಕೆಜಿ ಕಳಿಸುತ್ತೇನೆ.