40 ಗಂಟೆ ಫುಟೇಜ್, 26 ನಿಮಿಷದ ಚಿತ್ರ

ಸಾಕ್ಷ್ಯಚಿತ್ರದ ಎಡಿಟಿಂಗ್ ಕಲಿಯುತ್ತೇನೆಂದು ಬರುವ ಹುಡುಗರು ಮೊದಲು ಕೇಳುವುದು ಯಾವ ಸಾಫ್ಟ್‌ವೇರ್ ಅಂತ. ಡಾವಿಂಚಿ ರಿಸಾಲ್ವ್ ಪುಕ್ಕಟೆ ಸಿಗುತ್ತದೆ, ಅದನ್ನೇ ಹಾಕಿಕೊಳ್ಳಿ.

ಡಿಸ್ಕಿನದು ಅಷ್ಟು ಬೇಗ ಮುಗಿಯುವ ಮಾತಲ್ಲ. ಶೂಟ್ ಮಾಡಿದ ರಾತ್ರಿಯೇ ಎರಡು ಹಾರ್ಡ್ ಡಿಸ್ಕಿಗೆ ಇಳಿಸಿ, ಒಂದನ್ನು ಬೇರೆ ಮನೆಯಲ್ಲಿಡಿ. ನಾನಿರುವುದು ಕುಮಟೆ; ನನ್ನ ಎರಡನೇ ಡಿಸ್ಕ್ ಶಿರಸಿಯಲ್ಲಿ ಅಕ್ಕನ ಕಪಾಟಿನಲ್ಲಿದೆ. ಆಷಾಢದ ಒಂದು ಸಂಜೆ ಕರೆಂಟು ನಾಲ್ಕು ಸಲ ಹೋಗಿ ಬಂದು, ಇದ್ದೊಂದು ಡಿಸ್ಕ್ ಕಟಕಟ ಅಂದು ಸುಮ್ಮನಾಯಿತು. ದಡದಿಂದ ಎಳೆಯುವ ದೊಡ್ಡ ಬಲೆ ರಂಪಣಿಯ ಎರಡು ದಿನದ ಶೂಟ್ ಅದರ ಜೊತೆಗೇ ಹೋಯಿತು. ಬುದ್ಧಿ ಬಂದದ್ದು ಆಮೇಲೆ.

ಫುಟೇಜನ್ನು ಪೂರ್ತಿ ನೋಡುತ್ತ ಟೈಮ್‌ಕೋಡ್ (ಯಾವ ನಿಮಿಷ, ಯಾವ ಸೆಕೆಂಡು ಅನ್ನುವ ಗುರುತು) ಸಮೇತ ನೋಟ್‌ಬುಕ್ಕಿಗೆ ಬರೆದುಕೊಳ್ಳಿ. ಜನರ ಮಾತನ್ನು ಬಾಯಲ್ಲಿ ಬಂದ ಹಾಗೇ ಬರೆಯಿರಿ. ತಿದ್ದಿ ಬರೆದರೆ ಉಸಿರು ಎಲ್ಲಿ ನಿಂತಿತು, ಕತ್ತರಿ ಎಲ್ಲಿ ಹಾಕಬಹುದು ಗೊತ್ತಾಗುವುದಿಲ್ಲ. ಒಂದೊಂದು ದೃಶ್ಯಕ್ಕೆ ಒಂದೊಂದು ಚೀಟಿ ಮಾಡಿ ಜಗಲಿ ಮೇಲೆ ಸಾಲಾಗಿ ಹರಡಿ. ಇದು ಪೇಪರ್ ಎಡಿಟ್. ಚೀಟಿ ಹಾರದಂತೆ ನಾನು ಮೇಲೆ ಅಡಿಕೆ ಇಡುತ್ತೇನೆ.

ಅಘನಾಶಿನಿಯಲ್ಲಿ ಬಳಚು, ಅಂದರೆ ಚಿಪ್ಪುಮೀನು ಹೆಕ್ಕುವ ಹೆಂಗಸರ ಚಿತ್ರಕ್ಕೆ, ನದಿ ಕಡಲು ಸೇರುವ ಡ್ರೋನ್ ಶಾಟಿನಿಂದಲೇ ಶುರುವಾಗಬೇಕು ಅಂತ ಹಟ ಹಿಡಿದಿದ್ದೆ. ಬಾಡಿಗೆ ಕೊಟ್ಟಿದ್ದೆನಲ್ಲ! ರಫ್ ಕಟ್, ಅಂದರೆ ಮೊದಲ ಒರಟು ಜೋಡಣೆ ನೋಡಿದವರು ಎರಡನೇ ನಿಮಿಷಕ್ಕೆ ಮೊಬೈಲ್ ತೆಗೆದರು. ನೋಟ್‌ಬುಕ್ ತಿರುವಿದಾಗ ಒಂದು ಕಡೆ ‘ಮಾತಿಲ್ಲ, ಬೇಡ’ ಅಂತ ಕಂಡಿತು. ತೆಗೆದು ನೋಡಿದೆ. ಸೊಂಟದವರೆಗಿನ ನೀರಿನಲ್ಲಿ ಒಬ್ಬಳು ಅಜ್ಜಿ ಕಾಲಿನಿಂದಲೇ ಚಿಪ್ಪು ತಡಕುತ್ತಿದ್ದಾಳೆ. 50 ಸೆಕೆಂಡು ಒಂದು ಮಾತಿಲ್ಲ. ಆಮೇಲೆ ಕ್ಯಾಮೆರಾ ಕಡೆ ತಿರುಗಿ, “ನೀರ್ ಬಂತು ತಮಾ, ಏಳು.” ಉಬ್ಬರ ಇಳಿತದ ಬಗ್ಗೆ ನಾನು ಬರೆದಿಟ್ಟ ಒಂದು ಪುಟದ ನಿರೂಪಣೆ ಅಲ್ಲಿಗೆ ಬಿತ್ತು. ಡ್ರೋನೂ ಹೋಯಿತು. ಮೊದಲ ಸಲ ನೋಡುವಾಗ ಯಾವುದಕ್ಕೂ ‘ಬೇಡ’ ಅಂತ ಬರೆಯಬೇಡಿ.

ಪ್ರತಿ ಜಾಗದಲ್ಲೂ ಎಲ್ಲರನ್ನೂ ಸುಮ್ಮನಿರಿಸಿ ಅರ್ಧ ನಿಮಿಷ ಬರೀ ಸದ್ದು ರೆಕಾರ್ಡ್ ಮಾಡಿ. ಇಳಿತದಲ್ಲಿ ಕಾಂಡ್ಲಾ (ಮ್ಯಾಂಗ್ರೋವ್) ಗಿಡಗಳ ಬುಡದ ಕೆಸರು ಚಟಚಟ ಅನ್ನುತ್ತದೆ. ಎರಡು ಮಾತುಗಳ ನಡುವೆ ಆ ಸದ್ದು ಹಾಸದಿದ್ದರೆ ಕಿವಿ ಗುಂಡಿಗೆ ಬಿದ್ದ ಹಾಗಾಗುತ್ತದೆ.

ನಿರ್ಮಾಪಕರೂ ನೀವೇ ಆದರೆ ಸೌಂಡ್ ಮಿಕ್ಸ್, ಸಬ್‌ಟೈಟಲ್‌ಗಳ ದುಡ್ಡನ್ನು ಶೂಟಿಗೆ ಮೊದಲೇ ತೆಗೆದಿಡಿ. ಒಪ್ಪಿಗೆ ಪತ್ರ ಕನ್ನಡದಲ್ಲಿರಲಿ. ಓದಿ ಹೇಳಿ ಸಹಿ ಹಾಕಿಸಿ. ಸಾಕ್ಷ್ಯಚಿತ್ರ ಮಾಡುತ್ತಿದ್ದ ಸರ್ಕಾರದ ಫಿಲ್ಮ್ಸ್ ಡಿವಿಷನ್ 2022ರಲ್ಲೇ ಎನ್‌ಎಫ್‌ಡಿಸಿಯೊಳಗೆ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ) ಸೇರಿಹೋಗಿದೆ, ಹಳೆ ಹೆಸರಿಗೆ ಅರ್ಜಿ ಬರೆಯುತ್ತ ಕೂರಬೇಡಿ. ಮದುವೆ ವಿಡಿಯೋ ಕೆಲಸ ಬಿಡಬೇಡಿ, ಅಕ್ಕಿ ಬೇಳೆ ಅದರಿಂದಲೇ.

ಯಾಂತ್ರಿಕ ದೋಣಿಗಳು ದಡದಲ್ಲಿರುವ ಜೂನ್ 1ರಿಂದ ಜುಲೈ 31ರವರೆಗೆ ನಾನು ಎಡಿಟಿಂಗಿಗೆ ಕೂರುತ್ತೇನೆ. ಲಾಕ್ ಮಾಡುವ, ಅಂದರೆ ಇನ್ನು ಕತ್ತರಿ ಇಲ್ಲ ಅನ್ನುವ ಮೊದಲು ಲ್ಯಾಪ್‌ಟಾಪ್ ಹೊತ್ತುಕೊಂಡು ಚಿತ್ರದಲ್ಲಿದ್ದವರ ಮನೆಗೇ ಹೋಗಿ ತೋರಿಸಿ. ಅಜ್ಜಿ ಪೂರ್ತಿ ನೋಡಿ, “ನೀರ್ ಬಂದ್ಮೇಲೆ ಇವಳು ಹ್ಯಾಂಗೆ ಒಣ ಕೆಸರಲ್ಲಿ ಕೂತಳು?” ಅಂದಳು. ಬೇರೆ ದಿನದ ಶಾಟ್ ಅದು. ಮನೆಗೆ ಬಂದು ಎರಡು ಶಾಟನ್ನೂ ಅದಲು ಬದಲು ಮಾಡಿ, ರಾತ್ರಿ ಒಂದಕ್ಕೆ ಲಾಕ್ ಮಾಡಿದೆ.