ತೆಂಗರೋಂಗ್: ಬಾರ್ಜ್ ಅಳೆಯುತ್ತಾ ಒಂದು ಊರು ತಿಳಿದ ಕತೆ

ಮಂಗಳೂರು ಬಂದರಿನಲ್ಲಿ ಎಂಟು ವರ್ಷ ಕಲ್ಲಿದ್ದಲು ಹಡಗುಗಳ ಡ್ರಾಫ್ಟ್, ಅಂದರೆ ಹಡಗು ನೀರಲ್ಲಿ ಎಷ್ಟು ಆಳ ಮುಳುಗಿದೆ ಅನ್ನೋದನ್ನು, ಅಳೆದವನು ನಾನು. ಎಲ್ಲೂರಿನ ವಿದ್ಯುತ್ ಸ್ಥಾವರಕ್ಕೆ ಬೇಕಾದ ಕಲ್ಲಿದ್ದಲು ಹೊರದೇಶದಿಂದ, ಅದರಲ್ಲೂ ಇಂಡೋನೇಷ್ಯಾದಿಂದ, ನಮ್ಮ ಬಂದರಿಗೇ ಬಂದು ರೈಲು ಹತ್ತುತ್ತದೆ. ಈ ಕಪ್ಪು ಮಾಲು ಹೊರಡುವ ಕಡೆ ಹೇಗಿರುತ್ತದೋ ಅಂತ ಸುಮ್ನೆ ಒಂದು ಕುತೂಹಲವಿತ್ತು. 2016ರಲ್ಲಿ ಕೆಲಸವೇ ನನ್ನನ್ನು ಪೂರ್ವ ಕಾಲಿಮಂತಾನ್‌ನ ಸಮರಿಂದಾಗೆ ಕರೆದೊಯ್ದಿತು. ಅಲ್ಲಿಂದ ಮಹಾಕಾಮ್ ನದಿಯಲ್ಲಿ ಸ್ವಲ್ಪ ಮೇಲಕ್ಕೆ ಹೋದರೆ ತೆಂಗರೋಂಗ್. ಕುತಾಯ್ ಕರ್ತನೆಗಾರಾ ಜಿಲ್ಲೆಯ ಕೇಂದ್ರ.

ಮೊದಲು ಕೆಲಸದ ಬಗ್ಗೆ ಹೇಳಿಬಿಡುತ್ತೇನೆ. ಗಣಿಯ ಜೆಟ್ಟಿಯಲ್ಲಿ 300 ಅಡಿಯ ಬಾರ್ಜ್, ಅಂದರೆ ಚಪ್ಪಟೆ ತಳದ ಸರಕು ದೋಣಿ, ನಿಂತಿರುತ್ತದೆ. ಅದರ ಮೇಲೆ ಏಳೂವರೆ ಸಾವಿರ ಟನ್ ಕಲ್ಲಿದ್ದಲು. ಅದನ್ನು ಯಾರೂ ತಕ್ಕಡಿಗೆ ಹಾಕುವುದಿಲ್ಲ. ಬಾರ್ಜ್ ಎಷ್ಟು ಮುಳುಗಿದೆ ಅಂತ ನೋಡಿ ತೂಕ ಹೇಳಬೇಕು. ಮುಂದೆ, ನಡುವೆ, ಹಿಂದೆ, ಎರಡೂ ಪಕ್ಕ ಸೇರಿ ಆರು ಕಡೆ ಅಂಕಿ ಬರೆದಿರುತ್ತಾರೆ. ಸಣ್ಣ ದೋಣಿಯಲ್ಲಿ ಸುತ್ತು ಹಾಕಿ, ಅಲೆ ಏರಿಳಿಯುವುದರ ಮಧ್ಯ ಹಿಡಿದು, ಅಂಕಿ ಓದಬೇಕು. ಆಮೇಲೆ ನದಿಯ ನೀರು ಒಂದು ಬಕೆಟ್ ಎತ್ತಿ, ಹೈಡ್ರೋಮೀಟರ್ ಬಿಟ್ಟು ಸಾಂದ್ರತೆ ನೋಡಬೇಕು. ಖಾಲಿ ಬಾರ್ಜಿನದ್ದೂ ಇದೇ ಲೆಕ್ಕ. ತುಂಬಿದ್ದರಿಂದ ಖಾಲಿಯದನ್ನು ಕಳೆದರೆ ಸಿಗುವುದೇ ಮಾಲು.

ಮೊದಲ ವಾರವೇ ಎಡವಿದೆ. ಸಮುದ್ರದ ಅಭ್ಯಾಸದಲ್ಲಿ ಕೈ ತಾನಾಗಿ ಉಪ್ಪುನೀರಿನ ಸಾಂದ್ರತೆ 1.025 ಅಂತ ಬರೆದಿತ್ತು. ಆದರೆ ಇದು ಸಿಹಿನೀರು, ಹೆಚ್ಚುಕಡಿಮೆ 1.000. ಕಾಗದದ ಮೇಲೆ ಹತ್ತಿರತ್ತಿರ 200 ಟನ್ ಇಲ್ಲದ ಕಲ್ಲಿದ್ದಲು ಹುಟ್ಟಿಕೊಂಡಿತು! ಜೊತೆಗಿದ್ದ ಸ್ಥಳೀಯ ಹುಡುಗ ಬಕೆಟ್ ನೀರಿಗೆ ಬೆರಳು ಅದ್ದಿ ನೆಕ್ಕಿ, 'ಉಪ್ಪಿಲ್ಲ ಸಾರ್' ಅಂದ. ಅವತ್ತಿನಿಂದ ನಾನೂ ನೀರು ನೆಕ್ಕಿಯೇ ಫಾರ್ಮ್ ತುಂಬಿದ್ದು.

ಭಾನುವಾರ ರಜೆ. ಸಮರಿಂದಾದ ಸುಂಗೈ ಕುಂಜಾಂಗ್ ಧಕ್ಕೆಯಿಂದ ಬೆಳಿಗ್ಗೆ ನದಿ ಮೇಲಕ್ಕೆ ಹೋಗುವ ಮರದ ದೋಣಿ ಹತ್ತುತ್ತಿದ್ದೆ. ರಸ್ತೆಯಲ್ಲಿ ಹೋದರೆ ಒಂದು ಗಂಟೆ ಸಾಕು. ಆದರೆ ನದಿಯಿಂದ ಹೋದರೆ ಮಾತ್ರ ಆ ಊರಿನ ಮುಖ ಕಾಣುತ್ತದೆ. ಅರಮನೆ, ಮಸೀದಿ, ಮಾರುಕಟ್ಟೆ ಎಲ್ಲ ದಂಡೆಯ ಹತ್ತಿರವೇ. ದಂಡೆಯಲ್ಲಿ ಒಬ್ಬ ಹೆಂಗಸಿನ ಪುಟ್ಟ ಅಂಗಡಿ, ಅಲ್ಲಿ ವಾರುಂಗ್ ಅನ್ನುತ್ತಾರೆ. ಅವರನ್ನು ಎಲ್ಲರ ಹಾಗೆ ನಾನೂ 'ಇಬು' ಅಂತಲೇ ಕರೆಯುತ್ತಿದ್ದೆ, ಅಂದರೆ ಅಮ್ಮ. ಊರು ತಿಳಿಯೋಕೆ ನನಗೆ ಗೊತ್ತಿದ್ದ ದಾರಿ ಒಂದೇ. ಅಲ್ಲಿ ಕೂತು ನದಿಯಲ್ಲಿ ಏನು ಹೋಗುತ್ತಿದೆ ಅಂತ ನೋಡುವುದು, ಹಿಂದೆ ಏನು ಹೋಗುತ್ತಿತ್ತು ಅಂತ ಕೇಳುವುದು.

ಭಾಷೆ ಅಂದುಕೊಂಡಷ್ಟು ಕಷ್ಟವಾಗಲಿಲ್ಲ. ಜಿಲ್ಲೆಯ ಮುಖ್ಯಸ್ಥನಿಗೆ ಅಲ್ಲಿ 'ಬುಪಾತಿ' ಅನ್ನುತ್ತಾರೆ. ನಮ್ಮ ಭೂಪತಿಯೇ! ಸಿಂಹಾಸನ 'ಸಿಂಗ್ಗಾಸಾನಾ', ಉಪವಾಸ 'ಪುವಾಸಾ'. ಇಬುಗೆ ಇದನ್ನು ಹೇಳಿದರೆ ಅವರಿಗೇನೂ ಆಶ್ಚರ್ಯವಾಗಲಿಲ್ಲ. ಮ್ಯೂಸಿಯಂಗೆ ಹೋಗಿ ನೋಡು ಅಂದರು, ಅಷ್ಟೇ.

ಮೂಲವರ್ಮ ಎಂಬ ಹಳೆಯ ರಾಜನ ಹೆಸರಿನ ಆ ಮ್ಯೂಸಿಯಂ ಸುಲ್ತಾನರ ಹಳೆಯ ಅರಮನೆ. 1930ರ ದಶಕದಲ್ಲಿ ಡಚ್ಚರು ಕಟ್ಟಿದ್ದು. ಬಿಳಿ ಗೋಡೆ, ಚೌಕ ಚೌಕ. ಅರಮನೆ ಅನ್ನೋದಕ್ಕಿಂತ ಹಳೇ ಕಾಲದ ಸರ್ಕಾರಿ ಕಟ್ಟಡ ಅನ್ನಿಸುತ್ತದೆ. ಒಳಗೆ ಯೂಪಗಳಿವೆ. ಅವು ಪ್ರತಿಗಳು. ಮೂಲ ಕಲ್ಲುಗಳು ಜಕಾರ್ತದಲ್ಲಿವೆ. ನದಿಯ ಇನ್ನೂ ಮೇಲಿರುವ ಮುಆರಾ ಕಾಮಾನ್‌ನಲ್ಲಿ ಸಿಕ್ಕಿದ ಏಳು ಯಜ್ಞಸ್ತಂಭಗಳು, ಕ್ರಿ.ಶ. 400ರ ಹೊತ್ತಿನವು. ಇಂಡೋನೇಷ್ಯಾದಲ್ಲಿ ಸಿಕ್ಕಿರುವ ಅತಿ ಹಳೆಯ ಬರಹಗಳಲ್ಲಿ ಸೇರುತ್ತವೆ. ಭಾಷೆ ಸಂಸ್ಕೃತ, ಲಿಪಿ ದಕ್ಷಿಣ ಭಾರತದ್ದು. ನಮ್ಮ ಹಾಸನದ ಹಲ್ಮಿಡಿ ಶಾಸನ ಸುಮಾರು 450ರದ್ದು ಅಂತಾರಲ್ವಾ, ಅದಕ್ಕೂ ಸ್ವಲ್ಪ ಹಿಂದಿನವು ಇವು. ನನಗೆ ಅಕ್ಷರ ಓದಲು ಬರಲಿಲ್ಲ. ಆದರೆ ಆ ದುಂಡು, ಆ ತಲೆಕಟ್ಟು ನೋಡಿ, ಗುರುತಿರುವ ಯಾರದೋ ಅಜ್ಜನ ಫೋಟೋ ಕಂಡಂತಾಯಿತು.

ಒಂದು ಕಲ್ಲು 'ಶ್ರೀಮತಃ ಶ್ರೀನರೇಂದ್ರಸ್ಯ ಕುಂಡುಂಗಸ್ಯ ಮಹಾತ್ಮನಃ' ಅಂತ ಶುರುವಾಗುತ್ತದೆ. ಅಜ್ಜ ಕುಂಡುಂಗ, ಮಗ ಅಶ್ವವರ್ಮ, ಮೊಮ್ಮಗ ಮೂಲವರ್ಮ. ಹೆಸರು ಗಮನಿಸಿ. ಅಜ್ಜನದು ಅಲ್ಲಿನದೇ ಹೆಸರು, ಮಗನಿಂದ ವರ್ಮ ಶುರು. ವಂಶಕರ್ತ ಅಂತ ಕಲ್ಲು ಕರೆಯುವುದೂ ಅಜ್ಜನನ್ನಲ್ಲ, ಮಗನನ್ನು. ಹೊರಗಿನಿಂದ ಯಾರೋ ಬಂದು ಗೆದ್ದ ಕತೆ ಇದಲ್ಲ ಅಂತ ನನಗನ್ನಿಸುತ್ತದೆ. ನದಿಯಲ್ಲಿ ವ್ಯಾಪಾರದಿಂದ ಬೆಳೆದ ಒಂದು ಮನೆತನ ದೂರದ ಠೀವಿಯನ್ನು ತಾನೇ ಕರೆಸಿಕೊಂಡಿದೆ. ಇನ್ನೊಂದು ಕಲ್ಲಿನಲ್ಲಿ ಮೂಲವರ್ಮ ಬ್ರಾಹ್ಮಣರಿಗೆ 20,000 ಹಸು ಕೊಟ್ಟ ಅಂತಿದೆ. ಅಳತೆಯ ಕೆಲಸದವನಾಗಿ ನನಗೆ ಆ ಅಂಕಿಯ ಮೇಲೆ ಅನುಮಾನ. ಇರಲಿ ಬಿಡಿ.

ತೆಂಗರೋಂಗ್ ಅಷ್ಟು ಹಳೆಯದಲ್ಲ. ಇಲ್ಲಿನ ಸುಲ್ತಾನರ ಮನೆತನದ ಮೊದಲ ರಾಜಧಾನಿ ನದೀಮುಖದ ಕಡೆಯ ಕುತಾಯ್ ಲಾಮಾ, ಆಮೇಲೆ ಪೆಮರಾಂಗನ್. ಸಿಂಹಾಸನದ ಜಗಳದಲ್ಲಿ ಪೆಮರಾಂಗನ್ ಹಾಳಾಯಿತು. ಅಜಿ ಇಂಬುತ್ ಎಂದು ಹೆಸರಾದ ಸುಲ್ತಾನ್ ಮುಸ್ಲಿಹುದ್ದೀನ್ 1782ರ ಸೆಪ್ಟೆಂಬರ್ 28ರಂದು ಇಲ್ಲಿಗೆ ಬಂದು ನೆಲೆಸಿದ. ಜಾಗದ ಹೆಸರು ಆಗ ತೆಪಿಯಾನ್ ಪಾಂಡಾನ್, ನಮ್ಮ ಮಾತಲ್ಲಿ ಕೇದಿಗೆ ದಂಡೆ. ಇಂದಿಗೂ ಊರಿನ ಹುಟ್ಟುಹಬ್ಬ ಅದೇ ತಾರೀಕು. ಎರಾವ್ ಹಬ್ಬದ ಕೊನೆಗೆ ಉದ್ದದ ನಾಗನ ಬೊಂಬೆಯನ್ನು ದೋಣಿಯಲ್ಲಿ ಕುತಾಯ್ ಲಾಮಾಕ್ಕೆ ಒಯ್ದು ನೀರಿಗೆ ಬಿಡುತ್ತಾರೆ. ಊರಲ್ಲಿ ಎಲ್ಲರೂ ಎಲ್ಲರಿಗೂ ನೀರೆರಚುತ್ತಾರೆ. ನನ್ನ ಫೋನ್ ಹೋಗಿದ್ದು ಅವತ್ತೇ.

ಇಲ್ಲಿ ಕೂತ ದೊರೆಗೆ ಹಣ ಬರುತ್ತಿದ್ದುದು ಹೊಲದಿಂದಲ್ಲ, ಮುಂದೆ ಹಾದು ಹೋಗುವ ದೋಣಿಗಳಿಂದ. ಮೇಲಿನ ಕಾಡಿನಿಂದ ದಯಾಕ್ ಜನ ತರುವ ಬೆತ್ತ, ಅಂಟು, ಹಕ್ಕಿಗೂಡು ಎಲ್ಲ ಈ ದಾರಿಯಲ್ಲೇ ಇಳಿಯಬೇಕು. 1844ರಲ್ಲಿ ಅರ್ಸ್ಕಿನ್ ಮರ್‍ರೇ ಎಂಬ ಸ್ಕಾಟ್ಲೆಂಡಿನವನು ಎರಡು ಹಡಗು ತಂದು ಇಲ್ಲೇ ವ್ಯಾಪಾರಕ್ಕೆ ನೆಲೆ ಬೇಕು ಅಂತ ಕೂತ. ಜಗಳವಾಯಿತು, ಗುಂಡು ಹಾರಿತು. ನದಿಯುದ್ದಕ್ಕೂ ಕಾದಾಡುತ್ತಾ ಇಳಿಯುವಾಗ ಅವನೇ ಸತ್ತ. ಅದೇ ವರ್ಷ ಡಚ್ಚರು ಸುಲ್ತಾನನ ಕೈಲಿ ಒಪ್ಪಂದ ಬರೆಸಿಕೊಂಡರು. ಆಮೇಲೆ ಮೆಂಟೆನ್ ಎಂಬ ಡಚ್ ಎಂಜಿನಿಯರ್ ಸುಲ್ತಾನನಿಂದ ಮೊದಲು ಕಲ್ಲಿದ್ದಲಿಗೆ, ನಂತರ ಎಣ್ಣೆಗೆ ಪರವಾನಗಿ ಪಡೆದ. 1897ರ ಹೊತ್ತಿಗೆ ಸಾಂಗಾ-ಸಾಂಗಾದಲ್ಲಿ ಎಣ್ಣೆ ಚಿಮ್ಮಿತು. ಸುಲ್ತಾನರ ಆಳ್ವಿಕೆ ಮುಗಿದಿದ್ದು 1960ರಲ್ಲಿ.

ಇಬುವಿನ ಅಪ್ಪ ಮರ ಕಡಿಯುವವರು. 1960ರ ದಶಕದ ಕೊನೆಯಲ್ಲಿ ಇಲ್ಲಿ 'ಬಂಜಿರ್ ಕಾಪ್' ಅಂತ ಒಂದು ಕಾಲ ಬಂತು. ಬಂಜಿರ್ ಅಂದರೆ ನೆರೆ. ಕೊಡಲಿಯಲ್ಲಿ ಮರ ಕಡಿದು ಬೀಳಿಸಿ, ನದಿ ಉಕ್ಕುವವರೆಗೆ ಕಾಯುವುದು. ನೆರೆ ಬಂದಾಗ ದಿಮ್ಮಿಗಳು ತಾವೇ ತೇಲಿ ಬರುತ್ತವೆ. 'ಅಪ್ಪನಿಗೆ ದುಡ್ಡು ಬಂದಾಗ ಇಡೀ ಬೀದಿಗೆ ರೇಡಿಯೋ ಬಂತು' ಅಂದರು ಇಬು. ದೊಡ್ಡ ಕಂಪನಿಗಳು ಬಂದವು, ಕೊಡಲಿಯವರು ಮನೆಗೆ ಹೋದರು. 1985ರಲ್ಲಿ ದಿಮ್ಮಿ ರಫ್ತೇ ನಿಂತಿತು.

ಇಬುವಿನ ಮಗನಿಗೆ ಬಾರ್ಜ್ ಎಳೆಯುವ ಟಗ್‌ಬೋಟಿನಲ್ಲಿ ಕೆಲಸ. ಅಂದರೆ ಕಲ್ಲಿದ್ದಲು. 1999ರಲ್ಲಿ ದೊಡ್ಡ ಕುತಾಯ್ ಜಿಲ್ಲೆ ಒಡೆದರೂ ಎಣ್ಣೆ, ಅನಿಲ, ಕಲ್ಲಿದ್ದಲಿನ ದೊಡ್ಡ ಪಾಲು ತೆಂಗರೋಂಗ್‌ಗೇ ಉಳಿಯಿತು. ಅಧಿಕಾರ ಜಿಲ್ಲೆಗಳಿಗೆ ಹೋದ ಮೇಲೆ ಗಣಿಗೆ ಸಹಿ ಹಾಕುವವರೂ ಭೂಪತಿಗಳೇ ಆದರು. ಸಹಿಗಳಿಗೆ ಬರವಿರಲಿಲ್ಲ. ಜಕಾರ್ತದಿಂದ ವಾಪಸ್ ಬರುವ ಪಾಲಿನ ಹಣದಲ್ಲಿ ನದಿ ನಡುವಿನ ಕುಮಾಲಾ ದ್ವೀಪದಲ್ಲಿ ಥೀಮ್ ಪಾರ್ಕ್ ಎದ್ದಿತು. ನಾನು ಹೋದಾಗ ಅಲ್ಲಿ ಆಟಗಳಿಗಿಂತ ಹುಲ್ಲೇ ಜಾಸ್ತಿ ಇತ್ತು. ಒಬ್ಬ ಅಪ್ಪ, ಆಮೇಲೆ ಅವನ ಮಗಳು, ಇಬ್ಬರೂ ಇಲ್ಲಿನ ಭೂಪತಿಗಳಾಗಿ, ಇಬ್ಬರೂ ಭ್ರಷ್ಟಾಚಾರದ ಕೇಸಿನಲ್ಲಿ ಜೈಲು ಸೇರಿದರು. ಮುಚ್ಚದೆ ಬಿಟ್ಟ ಗಣಿಹೊಂಡಗಳಲ್ಲಿ ಈ ಜಿಲ್ಲೆ ಮತ್ತು ಸಮರಿಂದಾದಲ್ಲಿ ಹತ್ತಾರು ಮಕ್ಕಳು ಮುಳುಗಿ ಸತ್ತಿದ್ದಾರೆ. ನಾನು ಅಳೆದ ಟನ್ನುಗಳಲ್ಲಿ ಆ ಹೊಂಡಗಳ ಮಣ್ಣೂ ಇರಬಹುದು. ಆ ಯೋಚನೆ ಬಂದ ದಿನ ಊಟ ಸೇರಲಿಲ್ಲ.

ಅಂಗಡಿಯಿಂದ ಸೇತುವೆ ಕಾಣುತ್ತದೆ. ಈಗಿರುವುದು ಹೊಸದು. 2001ರಲ್ಲಿ ಕಟ್ಟಿದ ತೂಗುಸೇತುವೆ 2011ರ ನವೆಂಬರ್ 26ರಂದು ರಿಪೇರಿ ನಡೆಯುತ್ತಿದ್ದಾಗಲೇ ಕುಸಿದು ನದಿಗೆ ಬಿತ್ತು. ಬಸ್ಸು, ಕಾರು, ಬೈಕು ಎಲ್ಲ ನೀರಿಗೆ. ಇಬು ಆ ದಿನದ ಬಗ್ಗೆ ಮಾತಾಡುವುದಿಲ್ಲ. ನಾನೂ ಎರಡನೇ ಸಲ ಕೇಳಲಿಲ್ಲ.

2019ರ ಆಗಸ್ಟ್‌ನಲ್ಲಿ ದೇಶದ ರಾಜಧಾನಿಯೇ ಪೂರ್ವ ಕಾಲಿಮಂತಾನ್‌ಗೆ ಬರುತ್ತದೆ ಅಂತ ಘೋಷಣೆಯಾಯಿತು. ಜಾಗದ ಒಂದು ಭಾಗ ಈ ಜಿಲ್ಲೆಯದೇ. ಆ ಭಾನುವಾರ ಅಂಗಡಿ ತುಂಬಾ ಜಮೀನಿನ ರೇಟಿನ ಮಾತು. ಅದು ನನ್ನ ಕೊನೆಯ ತಿಂಗಳು. ಗೆನ್ಚೆ ರುಆನ್ ತರಿಸಿಕೊಂಡು ಕೂತಿದ್ದೆ, ಸುಟ್ಟ ಹೊಳೆಮೀನಿನ ಮೇಲೆ ಕೆಂಪು ಖಾರ. ಎದುರಿಗೆ ತುಂಬಿದ ಬಾರ್ಜ್ ಹೋಯಿತು. ಅಭ್ಯಾಸ ನೋಡಿ, ಬಾಯಲ್ಲಿ ಮುಳ್ಳಿದ್ದರೂ ಕಣ್ಣು ಡ್ರಾಫ್ಟ್ ಅಂಕಿಗೇ ಹೋಯಿತು. ನಾಲ್ಕು ಮೀಟರ್ ಇಪ್ಪತ್ತು.

'ನಿಮ್ಮೂರಲ್ಲೂ ನದಿ ಇದೆಯಾ?' ಇಬು ಕೇಳಿದರು.

ಇದೆ, ನೇತ್ರಾವತಿ ಅಂದೆ.

'ಅದರಲ್ಲಿ ಏನು ಹೋಗುತ್ತೆ?'

ಸ್ವಲ್ಪ ಹೊತ್ತು ಯೋಚಿಸಿ 'ಮರಳು' ಅಂದೆ. ಇಬು ಸೌಟು ಕೆಳಗಿಟ್ಟು ನಕ್ಕರು.